ಮಗಳ ರಾತ್ರಿಯ ಕಥೆಗಳ ಜೊತೆಗೆ ಚೀನಾದ ಇತಿಹಾಸವನ್ನು ಓದಿಸುವುದು ಹೇಗೆ?

ಪ್ರಶ್ನೆ: ಕೊಪ್ಪಳದ ಮೇಷ್ಟ್ರು

ಎಲ್ಲರಿಗೂ ನಮಸ್ಕಾರ. ನಾನು ಕೊಪ್ಪಳದ ಕಾಲೇಜೊಂದರಲ್ಲಿ ಇತಿಹಾಸ ಕಲಿಸುತ್ತೇನೆ. ನಮ್ಮ ಪಾಠಗಳಲ್ಲಿ ಚೀನಾ ಕಾಣಿಸಿಕೊಳ್ಳುವುದು ಫಾಹಿಯಾನ್, ಹ್ಯೂಯೆನ್ ತ್ಸಾಂಗ್ ಎಂಬ ಎರಡು ಹೆಸರುಗಳಲ್ಲಿ, ಅದೂ ಗುಪ್ತರ ಮತ್ತು ಹರ್ಷನ ಕಾಲಕ್ಕೆ ಸಾಕ್ಷಿ ಹೇಳಲು ಮಾತ್ರ. ಆ ಕೊರತೆಯನ್ನು ತುಂಬಿಕೊಳ್ಳಲೆಂದು ಈ ವರ್ಷ ಚೀನಾದ ಇತಿಹಾಸ ಮತ್ತು ಸಂಸ್ಕೃತಿಯ ಪುಸ್ತಕಗಳನ್ನು ಸಿಕ್ಕಷ್ಟು ಓದುತ್ತಿದ್ದೇನೆ. ಎರಡನೆಯ ತರಗತಿಯ ಮಗಳಿಗೆ ರಾತ್ರಿ ಕಥೆ ಹೇಳುವ ಹೊಣೆಯೂ ನನ್ನದೇ ಆದ್ದರಿಂದ ದಿಂಬಿನ ಪಕ್ಕದಲ್ಲಿ ಪಂಚತಂತ್ರವೂ ಮಿಂಗ್ ಅರಸರ ಚರಿತ್ರೆಯೂ ಒಟ್ಟಿಗೇ ಬಿದ್ದಿರುತ್ತವೆ. ಈಗ ಅವಳು ದಪ್ಪ ಪುಸ್ತಕದೊಳಗಿನ ಕಥೆಯೇ ಬೇಕೆಂದು ಹಟ ಹಿಡಿದಿದ್ದಾಳೆ.

ಮಕ್ಕಳಿಗೆಂದು ಬಂದ ಪುಸ್ತಕಗಳಲ್ಲಿ ಡ್ರ್ಯಾಗನ್ನು, ಕೆಂಪು ದೀಪ, ಉದ್ದ ಗಡ್ಡದ ಮುದುಕ ಇವಿಷ್ಟೇ ಇರುತ್ತವೆ. ಯಾವ ಕಾಲ, ಯಾವ ಸೀಮೆ ಎಂಬ ಸುಳಿವೇ ಇರುವುದಿಲ್ಲ. ದೊಡ್ಡವರ ಪುಸ್ತಕಗಳಲ್ಲಾದರೋ ರಾಜವಂಶಗಳ ಮತ್ತು ದಂಗೆಗಳ ನಡುವೆ ಮಗುವಿಗೆ ಹೇಳಬಹುದಾದದ್ದನ್ನು ಹೆಕ್ಕಿ ತೆಗೆಯಬೇಕು. ಐತಿಹ್ಯವನ್ನೇ ಇತಿಹಾಸವೆಂದು ನಂಬಿಸಿಬಿಟ್ಟೇನೋ ಎಂಬ ಅಳುಕು ಬೇರೆ. ಸ್ವಂತ ಓದನ್ನೂ ಮಗುವಿನ ಕಥೆಯನ್ನೂ ಜೊತೆಯಾಗಿ ನಡೆಸಿದವರಿದ್ದರೆ, ಯಾವ ಕಥೆಗಳಿಂದ ಆರಂಭಿಸಿದಿರಿ ಎಂದು ದಯವಿಟ್ಟು ತಿಳಿಸಿ.

ಉತ್ತರ: ಗಂಗಾವತಿಯ ಅಕ್ಕಿ ಗಿರಣಿ ಗುಮಾಸ್ತ

ಸರ್, ಇತಿಹಾಸದ ಗ್ರಂಥದಲ್ಲೇ ದಾಖಲಾಗಿರುವ ಮಕ್ಕಳ ಕಥೆಗಳಿಂದ ಆರಂಭಿಸಿದರೆ ನಿಮ್ಮ ಅಳುಕು ಅರ್ಧ ಕಡಿಮೆಯಾಗುತ್ತದೆ. ನನ್ನ ಮೊದಲ ಆಯ್ಕೆ ತ್ಸಾವ್ ಚೋಂಗ್ ಎಂಬ ಬಾಲಕನದು. ಹಾನ್ ಸಾಮ್ರಾಜ್ಯ ಮುರಿದು ಬೀಳುತ್ತಿದ್ದ ಕಾಲದಲ್ಲಿ ದಕ್ಷಿಣದ ಸುನ್ ಚ್ವಾನ್ ಎಂಬ ನಾಯಕನು ಉತ್ತರದ ತ್ಸಾವ್ ತ್ಸಾವ್ ಎಂಬ ದಂಡನಾಯಕನಿಗೆ ಒಂದು ಆನೆಯನ್ನು ಕಳುಹಿಸುತ್ತಾನೆ. ಅದರ ತೂಕ ಎಷ್ಟೆಂದು ತಿಳಿಯುವ ಉಪಾಯ ಆಸ್ಥಾನದಲ್ಲಿ ಯಾರಿಗೂ ಹೊಳೆಯುವುದಿಲ್ಲ. ಆಗ ತ್ಸಾವ್ ತ್ಸಾವನ ಪುಟ್ಟ ಮಗ ಚೋಂಗ್, ಆನೆಯನ್ನು ದೋಣಿಗೆ ಹತ್ತಿಸಿ ನೀರು ಎಲ್ಲಿಯವರೆಗೆ ಬರುತ್ತದೆಂದು ಗುರುತು ಮಾಡಿರಿ, ಆಮೇಲೆ ಅದನ್ನು ಇಳಿಸಿ ಅದೇ ಗುರುತಿನವರೆಗೆ ದೋಣಿ ಮುಳುಗುವಷ್ಟು ಬೇರೆ ಸಾಮಾನು ತುಂಬಿರಿ, ಆ ಸಾಮಾನನ್ನು ತೂಗಿದರೆ ಆಯಿತು ಎನ್ನುತ್ತಾನೆ. ಇದನ್ನು ಬರೆದಿಟ್ಟವನು ಮೂರನೆಯ ಶತಮಾನದ ಚರಿತ್ರಕಾರ ಚೆನ್ ಶೋ. ಹುಡುಗ ಹುಟ್ಟಿದ್ದು 196ರಲ್ಲಿ, ತೀರಿಕೊಂಡದ್ದು 208ರಲ್ಲಿ. ಆ ಎರಡನೆಯ ಸಂಗತಿಯನ್ನು ನಾನು ಮಗನಿಗೆ ಇನ್ನೂ ಹೇಳಿಲ್ಲ.

ಭತ್ತದ ಲಾರಿಗಳು ವೇಬ್ರಿಡ್ಜ್ ಹತ್ತಿ ಇಳಿಯುವುದನ್ನು ದಿನವೂ ನೋಡುವ ನನ್ನ ಮಗ, ಆನೆಯನ್ನೂ ಅಲ್ಲಿಗೇ ಒಯ್ಯಬಹುದಿತ್ತಲ್ಲ ಎಂದು ಕೇಳಿದ. ಮರುದಿನ ಟಬ್ಬಿನ ನೀರಿನಲ್ಲಿ ಸ್ಟೀಲ್ ಬೋಗುಣಿ ತೇಲಿಬಿಟ್ಟು, ಅದರೊಳಗೆ ಅಡುಗೆಮನೆಯ ಕುಟ್ಟುವ ಕಲ್ಲನ್ನಿಟ್ಟು, ಸ್ಕೆಚ್ ಪೆನ್ನಿನಿಂದ ಗೆರೆ ಎಳೆದೆವು. ಆಮೇಲೆ ಕಲ್ಲನ್ನು ತೆಗೆದು ಗೆರೆಯವರೆಗೆ ತೊಗರಿಬೇಳೆ ಸುರಿದು, ಆ ಬೇಳೆಯನ್ನು ಪಕ್ಕದ ಕಿರಾಣಿ ಅಂಗಡಿಯಲ್ಲಿ ತೂಗಿಸಿದೆವು. ಕಲ್ಲನ್ನೂ ಅದೇ ತಕ್ಕಡಿಗೆ ಇಟ್ಟಾಗ ಎರಡೂ ಹೆಚ್ಚುಕಡಿಮೆ ಸಮವಾಗಿ ಬಂದುವು.

ನೀವು ಇತಿಹಾಸದವರಾದ್ದರಿಂದ ಇದೊಂದು ಮಾತು. ಆನೆ ತೂಗುವ ಇಂಥದೇ ಪ್ರಸಂಗ ಭಾರತದಿಂದ ಹೋಗಿ ಚೀನೀ ಭಾಷೆಗೆ ಅನುವಾದಗೊಂಡ ಬೌದ್ಧ ಕಥಾಸಂಗ್ರಹವೊಂದರಲ್ಲೂ ಇದೆ. ಇಪ್ಪತ್ತನೆಯ ಶತಮಾನದ ದೊಡ್ಡ ಇತಿಹಾಸಕಾರ ಚೆನ್ ಯಿನ್‌ಕೆ, ಬೌದ್ಧರ ಕಥೆಯೇ ಹುಡುಗನ ಹೆಸರಿಗೆ ಅಂಟಿಕೊಂಡಿರಬೇಕೆಂದು ವಾದಿಸಿದ್ದಾರೆ. ಗ್ರಂಥದಲ್ಲಿರುವುದೆಲ್ಲ ನಡೆದದ್ದೇ ಆಗಿರಬೇಕಿಲ್ಲ ಎಂಬುದನ್ನು ಮಗು ದೊಡ್ಡದಾದ ಮೇಲೆ ತಿಳಿಸಲು ಇದಕ್ಕಿಂತ ಒಳ್ಳೆಯ ಉದಾಹರಣೆ ನನಗೆ ಸಿಕ್ಕಿಲ್ಲ.

ಎರಡನೆಯದು ಸಿಮಾ ಗ್ವಾಂಗ್ ಕಥೆ. ಆಡುವಾಗ ಗೆಳೆಯನೊಬ್ಬ ನೀರಿನ ದೊಡ್ಡ ಹರವಿಗೆ ಬಿದ್ದಾಗ ಉಳಿದ ಹುಡುಗರೆಲ್ಲ ಓಡಿಹೋಗುತ್ತಾರೆ, ಇವನೊಬ್ಬ ಕಲ್ಲಿನಿಂದ ಹರವಿಯನ್ನೇ ಒಡೆದು ಅವನನ್ನು ಉಳಿಸುತ್ತಾನೆ. ಇದೇ ಹುಡುಗ ಮುಂದೆ ಮಂತ್ರಿಯಾಗಿ, 1,362 ವರ್ಷಗಳ ಚರಿತ್ರೆಯನ್ನು 294 ಸಂಪುಟಗಳಲ್ಲಿ ಬರೆದು 1084ರಲ್ಲಿ ಮುಗಿಸಿದ. ನಮ್ಮ ಇಟಗಿಯ ಮಹಾದೇವ ದೇವಾಲಯ 1112ರದು. ಗುಡಿ ತೋರಿಸಲು ಹೋದಾಗ ಅವನ ಹೆಸರನ್ನು ನೆನಪಿಸಿದರೆ ಕಾಲದ ಅಂದಾಜು ಮಗುವಿಗೆ ತಾನಾಗಿ ಸಿಗುತ್ತದೆ.

ಉತ್ತರ: ಆನೆಗೊಂದಿ ಕಡೆಯ ಓದುಗ

ಕಪಿಯ ಹೆಸರೇ ಇನ್ನೂ ಬರಲಿಲ್ಲವಲ್ಲ! ಅಂಜನಾದ್ರಿಯ ಮೆಟ್ಟಿಲು ಹತ್ತಿದ ನಮ್ಮ ಸೀಮೆಯ ಮಗುವಿಗೆ ಸುನ್ ವುಕೋಂಗ್ ಎಂಬ ವಾನರನನ್ನು ಬೇರೆಯಾಗಿ ಪರಿಚಯಿಸಬೇಕಾಗಿಯೇ ಇಲ್ಲ. ಅವನ ಕಥೆ ಬರುವ ‘ಪಶ್ಚಿಮದ ಯಾತ್ರೆ’ ಎಂಬ ಹದಿನಾರನೆಯ ಶತಮಾನದ ಚೀನೀ ಕಾದಂಬರಿಯಲ್ಲಿ ನೂರು ಅಧ್ಯಾಯಗಳಿವೆ, ಗುರುವಿಗೂ ಶಿಷ್ಯರಿಗೂ ದಾರಿಯಲ್ಲಿ 81 ಸಂಕಷ್ಟಗಳು ಎದುರಾಗುತ್ತವೆ. ಆರ್ಥರ್ ವೇಲಿ 1942ರಲ್ಲಿ ಇಂಗ್ಲಿಷಿಗೆ ತಂದಾಗ ಮೂವತ್ತು ಅಧ್ಯಾಯಗಳನ್ನಷ್ಟೇ ಉಳಿಸಿಕೊಂಡರು; ಮಲಗುವ ಮಗುವಿಗೆ ಅಷ್ಟೂ ಹೆಚ್ಚೇ. ಬುದ್ಧನ ಅಂಗೈಯ ಪ್ರಸಂಗದಿಂದ ಆರಂಭಿಸಿ. ನಿನ್ನ ಅಂಗೈಯಿಂದ ಹಾರಿಹೋಗುತ್ತೇನೆಂದು ಪಂಥ ಕಟ್ಟಿದ ಕಪಿ, ಜಗತ್ತಿನ ತುದಿಯಲ್ಲಿ ಕಂಡ ಐದು ಕಂಬಗಳಲ್ಲಿ ಒಂದರ ಮೇಲೆ ತನ್ನ ಹೆಸರು ಬರೆದು ಹಿಂದಿರುಗಿದರೆ, ಆ ಬರಹ ಬುದ್ಧನ ಬೆರಳಿನ ಮೇಲೆಯೇ ಇರುತ್ತದೆ. ಕಥೆ ಕೇಳಿದ ನನ್ನ ಮೊಮ್ಮಗಳು ತನ್ನ ಬೆರಳಿನ ಮೇಲೂ ಪೆನ್ನಿನಿಂದ ಹೆಸರು ಬರೆಸಿಕೊಂಡಳು.

ಒಂದು ಎಚ್ಚರಿಕೆ. ನಮ್ಮ ಹನುಮಂತನೇ ಚೀನಾಕ್ಕೆ ಹೋದನೆಂದು ಹೇಳಿಬಿಡುವ ಆಸೆ ನಮ್ಮವರಿಗೆ ಸಹಜ. ಚೀನೀ ವಿದ್ವಾಂಸರಲ್ಲೇ ಈ ಬಗ್ಗೆ ಒಮ್ಮತವಿಲ್ಲ: 1920ರ ದಶಕದಲ್ಲಿ ಹು ಶೀ ಅವರು ಸುನ್ ವುಕೋಂಗನ ಮೂಲವನ್ನು ಹನುಮಂತನಲ್ಲಿ ಕಂಡರೆ, ಲು ಶುನ್ ಅವರು ಚೀನಾದ್ದೇ ಆದ ವಾನರರೂಪದ ಜಲರಾಕ್ಷಸನೊಬ್ಬನಲ್ಲಿ ಕಂಡರು. ಮಗುವಿಗೆ ಇಬ್ಬರೂ ಬೇರೆ ಬೇರೆ ಕಪಿಗಳೆಂದೇ ಹೇಳಿ, ಹೋಲಿಕೆಯನ್ನು ಅದೇ ಹುಡುಕಲಿ.

ಈ ಕಪಿಯ ಗುರುವೇ ನಿಮ್ಮ ಪಾಠದ ಹ್ಯೂಯೆನ್ ತ್ಸಾಂಗ್. ನಿಜವಾದ ಯಾತ್ರಿಕನ ಜೊತೆಗೆ ಕಪಿಯೂ ಇರಲಿಲ್ಲ, ಹಂದಿಮುಖದ ಶಿಷ್ಯನೂ ಇರಲಿಲ್ಲ. ಆತ 645ರಲ್ಲಿ ಛಾಂಗ್‌ಆನ್ ನಗರಕ್ಕೆ ಮರಳಿದಾಗ ಜೊತೆಯಲ್ಲಿದ್ದದ್ದು 657 ಗ್ರಂಥಗಳು. ದಕ್ಷಿಣದಲ್ಲಿ ಆತ ಕಂಡ ಕೊಂಕಣಪುರ ಎಂಬ ಸ್ಥಳವನ್ನು ಬ್ರಿಟಿಷ್ ಪುರಾತತ್ತ್ವಜ್ಞ ಅಲೆಗ್ಸಾಂಡರ್ ಕನ್ನಿಂಗ್‌ಹ್ಯಾಮ್ ಅವರು ನಮ್ಮ ಆನೆಗೊಂದಿಯೆಂದೇ ಗುರುತಿಸಿದ್ದರು. ಬನವಾಸಿಯೆಂದವರೂ ಇದ್ದಾರೆ, ವಾದ ತೀರ್ಮಾನವಾಗಿಲ್ಲ. ಆದರೂ ನದಿಯ ದಡದಲ್ಲಿ ಕುಳಿತು ಈ ಸಂಗತಿ ಹೇಳುವಾಗ ನನಗೆ ಸ್ವಲ್ಪ ಜಂಬ ಬರುವುದುಂಟು.

ಉತ್ತರ: ಸಿಂಧನೂರಿನ ತಾಯಿ

ಹಿರಿಯರು ಬೇಸರಿಸಬಾರದು, ನನ್ನದು ಸ್ವಲ್ಪ ಭಿನ್ನವಾದ ಅಭಿಪ್ರಾಯ. ರಾತ್ರಿಯ ಕಥೆ ಇರುವುದು ಮಗುವಿಗೆ ನಿದ್ದೆ ಬರಲೆಂದು. ಸಂಪುಟಗಳ ಲೆಕ್ಕವನ್ನೂ ವಿದ್ವಾಂಸರ ಜಗಳವನ್ನೂ ಹಾಸಿಗೆಗೆ ತಂದರೆ ಮಗು ಕಥೆಯನ್ನೇ ಬೇಡವೆನ್ನುತ್ತದೆ. ನಮ್ಮ ಮನೆಯಲ್ಲಿ ರಾತ್ರಿ ಬರೀ ಕಥೆ. ಎಲ್ಲಿ, ಯಾವಾಗ, ನಿಜವೇ ಎಂಬ ಪ್ರಶ್ನೆಗಳೆಲ್ಲ ಮರುದಿನ ಜಡೆ ಹಾಕುವ ಹೊತ್ತಿಗೆ.

ಮಕ್ಕಳು ಮತ್ತೆ ಮತ್ತೆ ಕೇಳಿದ್ದು ಹತ್ತು ಸೂರ್ಯರ ಕಥೆ. ಹತ್ತೂ ಸೂರ್ಯರು ಒಮ್ಮೆಗೇ ಆಕಾಶಕ್ಕೆ ಬಂದು ಬೆಳೆ ಸುಟ್ಟುಹೋಗುವಾಗ ಹೋ ಯಿ ಎಂಬ ಬಿಲ್ಲುಗಾರ ಒಂಬತ್ತನ್ನು ಹೊಡೆದು ಕೆಡವುತ್ತಾನೆ. ಮೇ ತಿಂಗಳಲ್ಲಿ ರಾಯಚೂರು ಸೀಮೆಯ ಮಾಳಿಗೆಯ ಕೆಳಗೆ ಮಲಗಿ ಇದನ್ನು ಕೇಳಿದ ನನ್ನ ಮಗಳು, ಹತ್ತನೆಯದನ್ನು ಏಕೆ ಬಿಟ್ಟನೆಂದು ಅವನ ಮೇಲೆಯೇ ಸಿಟ್ಟಾದಳು. ಅವನ ಹೆಂಡತಿ ಚಾಂಗ್ ಅ ಅಮೃತ ಕುಡಿದು ಚಂದ್ರನಿಗೆ ಹೋಗುತ್ತಾಳೆ, ಅಲ್ಲಿ ಮೊಲವೊಂದು ಔಷಧಿ ಕುಟ್ಟುತ್ತಿರುತ್ತದೆ. ಚಂದ್ರನೊಳಗಿನ ಮೊಲ ನಮ್ಮ ಮಕ್ಕಳಿಗೂ ಗೊತ್ತಿರುವುದರಿಂದ ವಿವರಣೆ ಬೇಕಾಗುವುದಿಲ್ಲ. 2013ರಲ್ಲಿ ಚಂದ್ರನ ಮೇಲಿಳಿದ ಚೀನಾದ ನೌಕೆಗೆ ಅವಳ ಹೆಸರನ್ನೂ, ಅದರೊಳಗಿನ ಪುಟ್ಟ ಬಂಡಿಗೆ ಆ ಮೊಲದ ಹೆಸರನ್ನೂ ಇಟ್ಟಿದ್ದರು ಎಂಬುದನ್ನು ಬೆಳಿಗ್ಗೆ ಹೇಳಿದರೆ ಸಾಕು.

ಒಂಬತ್ತನೆಯ ಶತಮಾನದಲ್ಲಿ ದುವಾನ್ ಚೆಂಗ್‌ಶಿ ಬರೆದಿಟ್ಟ ಯೆ ಶಿಯೆನ್ ಕಥೆಯೂ ಚೆನ್ನಾಗಿದೆ. ಮಲತಾಯಿ ಕೊಂದು ತಿಂದ ಮೀನಿನ ಮೂಳೆಗಳು ಹುಡುಗಿಗೆ ಬೇಕಾದದ್ದನ್ನೆಲ್ಲ ಕೊಡುತ್ತವೆ, ಕಳೆದುಹೋದ ಚಿನ್ನದ ಪಾದರಕ್ಷೆಯಿಂದ ರಾಜ ಅವಳನ್ನು ಹುಡುಕುತ್ತಾನೆ; ಯುರೋಪಿನ ಸಿಂಡ್ರೆಲಾ ಅಚ್ಚಾಗುವುದಕ್ಕೆ ಎಷ್ಟೋ ಶತಮಾನ ಮೊದಲಿನ ಮಾತಿದು. ಕೊನೆಯಲ್ಲಿ ಮಲತಾಯಿಯೂ ಅವಳ ಮಗಳೂ ಹಾರಿಬಂದ ಕಲ್ಲುಗಳು ಬಡಿದು ಸಾಯುತ್ತಾರೆ. ನಾನು ಆ ಭಾಗವನ್ನು ಬಿಟ್ಟೇ ಹೇಳುತ್ತೇನೆ.

ಪ್ರಶ್ನೆ ಕೇಳಿದವರು

ಎಲ್ಲರಿಗೂ ಕೃತಜ್ಞತೆಗಳು. ಮೇಡಂ ಹೇಳಿದ ಬೆಳಗಿನ ಕ್ರಮ ನನಗೆ ಹಿಡಿಸಿತು. ಇನ್ನೊಂದು ಸಂದೇಹ: ಕ್ರಿ.ಪೂ. 221ರಲ್ಲಿ ಚೀನಾವನ್ನು ಒಂದುಗೂಡಿಸಿದ ಚಿನ್ ಶಿ ಹ್ವಾಂಗನನ್ನು ಬಿಟ್ಟು ಮುಂದೆ ಹೋಗುವಂತಿಲ್ಲ, ಆದರೆ ಪುಸ್ತಕಗಳನ್ನು ಸುಡಿಸಿದ ಅರಸನನ್ನು ಪುಸ್ತಕ ಪ್ರೀತಿಸುವ ಮಗುವಿಗೆ ಹೇಗೆ ಹೇಳುವುದು?

ಉತ್ತರ: ಬಳ್ಳಾರಿಯ ನಿವೃತ್ತ ಗ್ರಂಥಪಾಲಕ

ಅರಸನಿಂದ ಆರಂಭಿಸಬೇಡಿ, ಬಾವಿಯಿಂದ ಆರಂಭಿಸಿ. 1974ರಲ್ಲಿ ಶೀಆನ್ ನಗರದ ಹತ್ತಿರ ರೈತರು ನೀರಿಗಾಗಿ ಬಾವಿ ತೋಡುವಾಗ ಮಣ್ಣಿನ ಸೈನಿಕನ ತುಂಡುಗಳು ಸಿಕ್ಕಿದುವು. ಅಗೆದಂತೆಲ್ಲ ಸಾವಿರಾರು ಸೈನಿಕರ, ಕುದುರೆಗಳ, ರಥಗಳ ಇಡೀ ದಂಡೇ ಹೊರಬಂತು. ಬೋರ್‌ವೆಲ್ ಕೊರೆಸುವಾಗ ನೀರು ಬಂದೀತೇ ಎಂದು ಊರೆಲ್ಲ ಕಾದು ನಿಲ್ಲುವುದನ್ನು ಕಂಡ ನಮ್ಮ ಮಕ್ಕಳಿಗೆ ಆ ರೈತರು ಅಪರಿಚಿತರೆನಿಸುವುದಿಲ್ಲ. ಇಷ್ಟು ಸೈನಿಕರನ್ನು ಮಾಡಿಸಿದವನು ಯಾರು, ಏಕೆ ಹೂಳಿಸಿದ ಎಂದು ಮಗುವೇ ಕೇಳಿದಾಗ ಸಾವಿಗೆ ಹೆದರಿದ ಅರಸನನ್ನು ಕರೆತನ್ನಿ. ಪುಸ್ತಕ ಸುಡಿಸಿದ ಸಂಗತಿ ಐದನೆಯ ತರಗತಿಯವರೆಗೆ ಕಾಯಲಿ.

ಪುಸ್ತಕದ ಆಯ್ಕೆಯ ಬಗ್ಗೆ ಹೇಳುವುದಾದರೆ, ಬರೀ ‘ಚೀನಾದ ಜನಪದ ಕಥೆ’ ಎಂದಷ್ಟೇ ಹಾಕಿರುವ ಮಕ್ಕಳ ಪುಸ್ತಕವನ್ನು ನಾನು ಕೆಳಗಿಡುತ್ತಿದ್ದೆ. ಯಾವ ಗ್ರಂಥದಿಂದ, ಯಾವ ಪ್ರಾಂತದಿಂದ ಎಂದು ಒಂದು ಸಾಲಾದರೂ ಇರಬೇಕು. ದೊಡ್ಡವರಿಗೆ ನಕಾಶೆಗಳೂ ಚಿತ್ರಗಳೂ ಇರುವ ಒಂದೇ ಸಂಪುಟದ ಇತಿಹಾಸ ಸಾಕು, ಏಕೆಂದರೆ ಮಗು ಪುಟ ತಿರುವುವುದು ಚಿತ್ರಕ್ಕಾಗಿ.

ಹಂಪಿಗೆ ಹೋಗುವುದಿದ್ದರೆ ಹಿಂದಿನ ರಾತ್ರಿ ಜಂಗ್ ಹ ಎಂಬ ನೌಕಾಧಿಪತಿಯ ಕಥೆ ಹೇಳಿ. 1405ರಿಂದ 1433ರವರೆಗೆ ಅವನು ಏಳು ಸಲ ದೊಡ್ಡ ಹಡಗುಗಳ ದಂಡು ಕಟ್ಟಿಕೊಂಡು ಹೊರಟ, ಕಲ್ಲಿಕೋಟೆಗೂ ಬಂದ. ಅದೇ ಕಾಲದಲ್ಲಿ, 1414ರಲ್ಲಿ, ಬಂಗಾಳದ ಸುಲ್ತಾನನಿಂದ ಮಿಂಗ್ ಅರಸನಿಗೆ ಒಂದು ಜಿರಾಫೆ ಕಾಣಿಕೆಯಾಗಿ ಹೋಯಿತು, ಅದನ್ನು ಕಂಡ ಆಸ್ಥಾನದವರು ಪುರಾಣದ ಮಂಗಳ ಮೃಗವೇ ಬಂದಿದೆ ಎಂದುಕೊಂಡರು. ವಿಜಯನಗರದ ಉತ್ಖನನಗಳಲ್ಲಿ ಚೀನಾದ ಪಿಂಗಾಣಿಯ ಚೂರುಗಳು ದೊರೆತಿವೆ. ಮಹಾನವಮಿ ದಿಬ್ಬದ ಸುತ್ತ ನಡೆಯುವಾಗ, ಇಲ್ಲಿಯ ಮನೆಗಳಲ್ಲಿ ಅಷ್ಟು ದೂರದ ಬಟ್ಟಲುಗಳಿದ್ದುವು ಎಂದು ಹೇಳಿ. ಅವು ಹಡಗಿನಲ್ಲಿ ಬಂದುವೋ ಎತ್ತಿನ ಮೇಲೆ ಬಂದುವೋ ಎಂದು ಮಗಳು ಕೇಳಿದರೆ, ಹಡಗಿನಲ್ಲಿ ಕರಾವಳಿಯವರೆಗೆ, ಅಲ್ಲಿಂದ ಘಟ್ಟ ಹತ್ತಿ ಎಂದು ನಕಾಶೆಯ ಮೇಲೆ ಬೆರಳಿಟ್ಟು ತೋರಿಸಿ.