ಕಬ್ಬಿನ ಲೋಡಿನ ಮೇಲಿಂದ ಬಿದ್ದ ತಮ್ಮ ಮತ್ತೆ ನಡೆದಾನಾ?

ಜಮಖಂಡಿಯಿಂದ:
ತಮ್ಮನಿಗೆ 28 ವರ್ಷ. ಕಬ್ಬು ತುಂಬಿದ ಟ್ರ್ಯಾಲಿ ಮೇಲಿಂದ ಬಿದ್ದು ಬೆನ್ನುಹುರಿಗೆ ಪೆಟ್ಟಾಗಿದೆ. ಆಪರೇಷನ್ ಆಗಿ ಏಳು ವಾರ. ಈಗ ಮನೆಯಲ್ಲಿದ್ದಾನೆ. ಸೊಂಟದ ಕೆಳಗೆ ಶಕ್ತಿ ಇಲ್ಲ, ಬಲಗಾಲಿನ ಹೆಬ್ಬೆರಳು ಮಾತ್ರ ಅಲುಗುತ್ತದೆ. ನಡೆಯಲಿಕ್ಕೆ ಎಷ್ಟು ದಿನ ಬೇಕು? ಅನುಭವ ಇದ್ದವರು ಹೇಳಿ.

ಗೋಕಾಕದಿಂದ:
ನಾನೂ ಬಿದ್ದವನೇ ರೀ, ಹುಣಸೆ ಮರದಿಂದ. ನಾಲ್ಕು ವರ್ಷ ಆಯ್ತು. ಮನೆಯೊಳಗೆ ವಾಕರ್ ಹಿಡಿದು ನಡೆಯುತ್ತೇನೆ, ಸಂತೆಗೆ ಹೋಗಬೇಕಾದರೆ ವೀಲ್‌ಚೇರೇ.

ಮೊದಲು ಆ ಹೆಬ್ಬೆರಳು ನೋಡಿ. ತಾನಾಗಿ ಅದುರುವುದು ಬೇರೆ, ಅವನು ಅಲುಗಿಸುವುದು ಬೇರೆ. 'ಈಗ ಅಲುಗಿಸು, ಈಗ ಬಿಡು' ಅನ್ನಿ. ಮಾತು ಕೇಳಿದರೆ ಅದು ಸಣ್ಣ ವಿಷಯ ಅಲ್ಲ. ಡಾಕ್ಟರು ಸೂಜಿ ಚುಚ್ಚಿ, ಗುದದ್ವಾರದವರೆಗೂ ಪರೀಕ್ಷೆ ಮಾಡಿ ಎ ಇಂದ ಇ ವರೆಗೆ ಒಂದು ಅಕ್ಷರ ಕೊಡುತ್ತಾರೆ. ಎ ಅಂದರೆ ಅಲ್ಲಿ ಸ್ಪರ್ಶವೂ ಇಲ್ಲ, ಹಿಡಿತವೂ ಇಲ್ಲ. ನಿಮ್ಮ ತಮ್ಮನದು ಯಾವ ಅಕ್ಷರ ಅಂತ ಕೇಳಿ. ದಿನ ಎಷ್ಟು ಅಂತ ಯಾರೂ ಹೇಳಲಾರರು. ಸುಧಾರಣೆ ಜಾಸ್ತಿ ಆಗೋದು ಮೊದಲ ಆರು ತಿಂಗಳಲ್ಲಿ, ಆಮೇಲೆ ನಿಧಾನ.

ಆ ಆರು ತಿಂಗಳಲ್ಲಿ ಮೂರನ್ನು ನಾನು ಕಳೆದುಕೊಂಡೆ. ಒಂದೇ ಕಡೆ ಮಲಗಿ ಒತ್ತಿ ಒತ್ತಿ ಟೊಂಕದ ಕೆಳಗೆ ರೂಪಾಯಿ ಅಗಲದ ಕೆಂಪು ಕಲೆ. ನೋವೇ ಇಲ್ಲವಲ್ಲ, ಯಾರೂ ನೋಡಲಿಲ್ಲ. ಹದಿನೈದು ದಿನಕ್ಕೆ ಕುಳಿ ಬಿತ್ತು. ಕೂರುವ ಹಾಗಿಲ್ಲ, ವ್ಯಾಯಾಮ ಬಂದ್. ಎರಡು ತಾಸಿಗೊಮ್ಮೆ ಮಗ್ಗುಲು ಬದಲಿಸಿ, ರಾತ್ರಿನೂ. ನಮ್ಮವ್ವ ಅಲಾರಾಂ ಇಟ್ಟು ಏಳುತ್ತಿದ್ದಳು. ಹುಣ್ಣು ಮಾಯ್ದ ಮೇಲೆ ಅಪ್ಪ ಹಿತ್ತಲಲ್ಲಿ ಎರಡು ಜಿಐ ಪೈಪ್ ಹೂಳಿದರು. ಕಾಲಿಗೆ ಆಸರೆ ಕೊಡುವ ಕ್ಯಾಲಿಪರ್ ಕಟ್ಟಿಕೊಂಡು ಅವುಗಳ ನಡುವೆ ನಿಂತ ಮೊದಲ ದಿನ ಬಿಪಿ ಇಳಿದು ತಲೆ ಸುತ್ತಿತು. ಅದಕ್ಕೇ ಹಾಸಿಗೆಯ ತಲೆಭಾಗ ಎತ್ತಿ ಸ್ವಲ್ಪ ಸ್ವಲ್ಪ ಕೂರಿಸುತ್ತಾ ಬನ್ನಿ.

ಇಂಡಿಯಿಂದ:
ನಮ್ಮ ಯಜಮಾನರದ್ದೂ ಇದೇ ಕತೆ. ಎಲ್ಲರೂ ಕಾಲು ಕಾಲು ಅಂತಾರೆ, ಮೂತ್ರದ ಮಾತು ಯಾರೂ ಎತ್ತೋದಿಲ್ಲ. ಪದೇಪದೇ ಇನ್ಫೆಕ್ಷನ್ ಆಗಿ ಚಳಿಜ್ವರ ಬರುತ್ತಿತ್ತು. ಆಮೇಲೆ ನರ್ಸ್ ಹತ್ತಿರ ಕಲಿತು, 4ರಿಂದ 6 ತಾಸಿಗೊಮ್ಮೆ ಅವರೇ ಮೂತ್ರದ ದಾರಿಗೆ ಸಣ್ಣ ನಳಿಕೆ (ಕ್ಯಾಥೆಟರ್) ಹಾಕಿ ಖಾಲಿ ಮಾಡಿಕೊಳ್ಳುತ್ತಾರೆ. ಮುಜುಗರ ಎಂಟು ದಿನ ಅಷ್ಟೇ.

ಇನ್ನೊಂದು, ಯಾರೋ ಹೇಳಿದರು ಅಂತ ಬಿಸಿ ಇಟ್ಟಿಗೆ ಶಾಖ ಕೊಡಬೇಡಿ. ನಾವು ಕೊಟ್ಟೆವು. ಪಾದ ಬೊಬ್ಬೆ ಎದ್ದರೂ ಅವರಿಗೆ ಗೊತ್ತಾಗಲಿಲ್ಲ. ಯುಡಿಐಡಿ ಕಾರ್ಡಿಗೂ (ಅಂಗವಿಕಲರಿಗೆ ಸರ್ಕಾರ ಕೊಡುವ ಗುರುತಿನ ಚೀಟಿ) ಅರ್ಜಿ ಹಾಕಿಡಿ, ಪಿಂಚಣಿ, ಬಸ್ ಪಾಸಿಗೆ ಬೇಕಾಗುತ್ತೆ.

ಜಮಖಂಡಿಯಿಂದ:
ಓದಿದ ಕೂಡಲೇ ಹೋಗಿ ಬ್ಯಾಟರಿ ಬಿಟ್ಟು ನೋಡಿದೆ. ಬೆನ್ನು ಚೆನ್ನಾಗಿದೆ. ಎಡ ಹಿಮ್ಮಡಿ ಕೆಂಪಾಗಿದೆ, ಒತ್ತಿದರೂ ಬೆಳ್ಳಗಾಗುತ್ತಿಲ್ಲ.

ಗೋಕಾಕದಿಂದ:
ಅದೇ ಹುಣ್ಣಿನ ಶುರು ರೀ. ತಿಕ್ಕಬೇಡಿ. ಮೀನಖಂಡದ ಕೆಳಗೆ ದಿಂಬಿಟ್ಟು ಹಿಮ್ಮಡಿ ಹಾಸಿಗೆಗೆ ತಾಗದಂತೆ ಮಾಡಿ, ನಾಳೆನೇ ಡಾಕ್ಟರಿಗೆ ತೋರಿಸಿ.