ತೆಳು ಲ್ಯಾಪ್‌ಟಾಪ್‌ನಾಗ ವ್ಯಾಲರಂಟ್ ಆಟ: ಹತ್ತು ನಿಮಿಷ ಆಗೂದ್ರಾಗ 12 ಎಫ್‌ಪಿಎಸ್‌ಗೆ ಬೀಳ್ತದ, ಯಾರರೆ ದಾರಿ ತೋರಿಸ್ರಿ

ಕೊಥ್ರೂಡ್_ಕ್ಲಚ್ (ಪುಣೆ)
ತಲಿ ಕೆಟ್ಟು ಹೋಗೇದ. 14 ಇಂಚಿನ ತೆಳು ಲ್ಯಾಪ್‌ಟಾಪ್, ಐ5 1135ಜಿ7 ಪ್ರೊಸೆಸರ್, ವಿಂಡೋಸ್ 11. ವ್ಯಾಲರಂಟ್ 1080ಪಿ, ಸೆಟ್ಟಿಂಗ್ ಎಲ್ಲಾ ಲೋ. ಮೊದಲ ಹತ್ತು ನಿಮಿಷ ಸೆಕೆಂಡಿಗೆ 65-70 ಚಿತ್ರ, ಅಂದ್ರ 65-70 ಎಫ್‌ಪಿಎಸ್ ಬರ್ತದ. ಆಮ್ಯಾಲೆ ಒಮ್ಮಿಂದೊಮ್ಮೆಲೆ 12ಕ್ಕ ಬೀಳ್ತದ, ಮೌಸ್ ಸುದ್ದಾ ತಡದು ತಡದು ಓಡ್ತದ. ಆಟ ಬಂದ್ ಮಾಡಿ ಅರ್ಧ ತಾಸು ಬಿಟ್ರ ತಾನ ಸರಿ ಆಗ್ತದ. ಡ್ರೈವರ್ ಹೊಸಾದು ಹಾಕೀನಿ, ವಿಂಡೋಸ್ ರಿಸೆಟ್ ಮಾಡೀನಿ, ಗೇಮ್ ಮೋಡ್ ಹಾಕಿ ತಗದು ನೋಡೀನಿ. ಪವರ್ ಮೋಡ್ ಬೆಸ್ಟ್ ಪರ್ಫಾರ್ಮೆನ್ಸ್ ಅದ. ಚಾರ್ಜಿಂಗ್ ಹಚ್ಚೇ ಆಡ್ತೀನಿ, ಅದನ್ನ ಮತ್ತ ಕೇಳಬ್ಯಾಡ್ರಿ. ಮೂರು ವಾರದಿಂದ ಇದ ನಡದದ.

ಗ್ರ್ಯಾಂಟ್‌ರೋಡ್_ಗೇಮರ್ (ಮುಂಬಯಿ)
ಚಿಪ್ಪಿಗೂ ಬಿಸಿ ಎಳೆಯುವ ಲೋಹಕ್ಕೂ (ಹೀಟ್‌ಸಿಂಕ್) ನಡುವಿನ ಥರ್ಮಲ್ ಪೇಸ್ಟ್ ಒಣಗಿದೆ. ಬೇರೆ ಎಂತದೂ ಅಲ್ಲ. ಬಿಸಿಯಾಗುವವರೆಗೆ ಓಡುತ್ತದೆ, ಬಿಸಿಯಾದ ಮೇಲೆ ಬೀಳುತ್ತದೆ, ತಣ್ಣಗಾದ ಮೇಲೆ ಪುನಃ ಸರಿಯಾಗುತ್ತದೆ. ಲ್ಯಾಪ್‌ಟಾಪ್ ಚಿಪ್‌ಗೆ ಮೇಲ್ಮುಚ್ಚಳ ಇರುವುದಿಲ್ಲ, ಹೀಟ್‌ಸಿಂಕ್ ನೇರವಾಗಿ ಸಿಲಿಕಾನ್ ಮೇಲೆ ಕೂತಿರುತ್ತದೆ. ಬಿಸಿಯಾಗಿ ತಣ್ಣಗಾಗಿ ಪೇಸ್ಟ್ ಅಂಚಿಗೆ ಜಾರಿ ಹೋಗುತ್ತದೆ, ನಡುವೆ ಬೋಳು ಉಳಿಯುತ್ತದೆ. ಹಳೆಯದನ್ನು 99% ಐಸೋಪ್ರೊಪೈಲ್ ಆಲ್ಕೋಹಾಲ್‌ನಲ್ಲಿ ಒರೆಸಿ ಪೇಸ್ಟಿನ ಬದಲು ಪಿಟಿಎಂ 7950 ಹಾಳೆ ಹಾಕಿ. ಅದು 45 ಡಿಗ್ರಿ ಆಸುಪಾಸಿನಲ್ಲಿ ಮೆತ್ತಗಾಗಿ ಹರಡುತ್ತದೆ, ಪೇಸ್ಟಿನಂತೆ ಅಂಚಿಗೆ ಸರಿಯುವುದಿಲ್ಲ. ಬಿಚ್ಚುವಾಗ ಮೊದಲು ಬ್ಯಾಟರಿ ಕನೆಕ್ಟರ್ ತೆಗೆಯಿರಿ. ಹೀಟ್‌ಸಿಂಕ್ ಸ್ಕ್ರೂಗಳ ಪಕ್ಕ 1, 2, 3, 4 ಎಂದು ಬರೆದಿರುತ್ತದೆ, ಬಿಗಿ ಮಾಡುವಾಗ ಅದೇ ಕ್ರಮ.

ಡೊಂಬಿವಲಿ_ಫಾಸ್ಟ್ (ಮುಂಬಯಿ)
ಬಿಚ್ಚುವ ಮೊದಲು ಅಂಕಿ ನೋಡೋಣ ಸರ್. ಎಚ್‌ಡಬ್ಲ್ಯೂ ಇನ್ಫೋ (ಯಂತ್ರದ ಬಿಸಿ, ವೇಗ ತೋರಿಸುವ ತಂತ್ರಾಂಶ) ಹಾಕಿ, ಸೆನ್ಸರ್ಸ್ ಓನ್ಲಿ ತೆರೆಯಿರಿ. 12 ಎಫ್‌ಪಿಎಸ್‌ಗೆ ಬಿದ್ದ ಹೊತ್ತಿನಲ್ಲೇ ನಾಲ್ಕು ಅಂಕಿ ಬರೆದುಕೊಳ್ಳಿ: ಕೋರ್ ಉಷ್ಣತೆ, ಕೋರ್ ಕ್ಲಾಕ್ (ವೇಗ), ಸಿಪಿಯು ಪ್ಯಾಕೇಜ್ ಪವರ್, ಮತ್ತು ಚಿಪ್ ಯಾಕೆ ನಿಧಾನವಾಯಿತು ಎಂದು ಹೇಳುವ ಐಎ ಲಿಮಿಟ್ ರೀಸನ್ಸ್‌ನಲ್ಲಿ ಯಾವುದಕ್ಕೆ ಯೆಸ್ ಇದೆ ಎಂಬುದು. ಇವು ಇಲ್ಲದೆ ಹೇಳುವುದೆಲ್ಲ ಬರೀ ಊಹೆ.

ಕೊಥ್ರೂಡ್_ಕ್ಲಚ್
ನೋಡಿದ್ನಿರಿ. ಛಂದ ಓಡೂ ಮುಂದ 86 ಡಿಗ್ರಿ, 3.4 ಗಿಗಾಹರ್ಟ್ಸ್, 27 ವ್ಯಾಟ್. ಬಿದ್ದಾಗ 58 ಡಿಗ್ರಿ, 0.39 ಗಿಗಾಹರ್ಟ್ಸ್, 4 ವ್ಯಾಟ್. ಐಎ ಪ್ರಾಕ್‌ಹಾಟ್ ಮುಂದ ಯೆಸ್ ಅದ.

ಗ್ರ್ಯಾಂಟ್‌ರೋಡ್_ಗೇಮರ್
ನೋಡಿ, 86! ಪ್ರಾಕ್‌ಹಾಟ್ ಅಂದರೆ ಪ್ರೊಸೆಸರ್ ಹಾಟ್ ಅಂತಲೇ ಅರ್ಥ ಮಾರಾಯ್ರೆ. ಪೇಸ್ಟ್.

ಡೊಂಬಿವಲಿ_ಫಾಸ್ಟ್
ಈ ಚಿಪ್ಪಿನ ಮಿತಿ 100 ಡಿಗ್ರಿ. ತೆಳು ಯಂತ್ರದಲ್ಲಿ 86 ಇದ್ದದ್ದೇ. ಬಿದ್ದಾಗ 58 ಇದೆಯಲ್ಲ, ಆ ಬಿಸಿಗೆ ಯಾವ ಚಿಪ್ಪೂ ತಾನಾಗಿ ಹಿಂಜರಿಯುವುದಿಲ್ಲ.

ಗ್ರ್ಯಾಂಟ್‌ರೋಡ್_ಗೇಮರ್
ಕೋರ್ ತಣ್ಣಗಿದ್ದರೂ ಮುಚ್ಚಳದ ಬಿಸಿ ನೋಡುವ ಸೆನ್ಸರ್ ಬೇರೆ ಉಂಟು. ತೊಡೆ ಸುಡಬಾರದು ಅಂತ ಲ್ಯಾಪ್‌ಟಾಪ್ ಅದನ್ನು ನೋಡಿ ಪವರ್ ಇಳಿಸುತ್ತದೆ. ಪೇಸ್ಟ್ ಸರಿ ಇದ್ದರೆ ಬಿಸಿ ಫ್ಯಾನಿನಿಂದ ಹೊರಗೆ ಹೋಗುತ್ತದೆ, ಮುಚ್ಚಳಕ್ಕೆ ಬರುವುದಿಲ್ಲ.

ಡೊಂಬಿವಲಿ_ಫಾಸ್ಟ್
ಸೆನ್ಸರ್ ಇದೆ, ಒಪ್ಪಿದೆ. ಆದರೆ ಅದು ಮಾಡುವ ಕೆಲಸ ಬೇರೆ. ಅದು ಪಿಎಲ್ 1 (ಚಿಪ್ ಸತತವಾಗಿ ಬಳಸಬಹುದಾದ ಪವರ್) ಮಿತಿಯನ್ನು 28 ವ್ಯಾಟಿನಿಂದ 15, 12, ಇನ್ನೂ ಕೆಳಗೆ ಎಂದು ಮೆಟ್ಟಿಲು ಮೆಟ್ಟಿಲಾಗಿ ಇಳಿಸುತ್ತದೆ. ಕ್ಲಾಕ್ 1.5-2 ಗಿಗಾಹರ್ಟ್ಸ್‌ಗೆ ಬರುತ್ತದೆ, ಎಫ್‌ಪಿಎಸ್ 70ರಿಂದ 45 ಆಗುತ್ತದೆ, ಲಿಮಿಟ್ ರೀಸನ್‌ನಲ್ಲಿ ಪಿಎಲ್ 1 ಕಾಣುತ್ತದೆ. ಇಲ್ಲಿ ಒಂದೇ ಏಟಿಗೆ 0.39. ಇದು ಚಿಪ್ಪಿನ ಅತಿ ಕೆಳಗಿನ ಗುಣಕ, 4 ಸಲ 100 ಮೆಗಾಹರ್ಟ್ಸ್. ಹೊರಗಿನಿಂದ ಯಾರೋ ಪ್ರಾಕ್‌ಹಾಟ್ ಎಂಬ ಸಂಕೇತದ ತಂತಿ ಎಳೆದಾಗಲೇ ಸಾಮಾನ್ಯವಾಗಿ ಹೀಗಾಗುವುದು. ಆ ತಂತಿ ಎರಡು ದಿಕ್ಕಿನದು, ಬಿ.ಡಿ. (ಬೈ-ಡೈರೆಕ್ಷನಲ್) ಪ್ರಾಕ್‌ಹಾಟ್ ಅನ್ನುವುದು ಅದಕ್ಕೇ. ಮದರ್‌ಬೋರ್ಡಿನ ಕಂಟ್ರೋಲರ್ ಕೂಡ ಅದನ್ನು ಎಳೆಯಬಲ್ಲದು.

ಠಾಣೆ_ಥಂಡರ್
ಥ್ರಾಟಲ್‌ಸ್ಟಾಪ್ (ಚಿಪ್ಪಿನ ವೇಗದ ಮಿತಿ ಬದಲಿಸುವ ತಂತ್ರಾಂಶ) ಹಾಕಿ, ಬಿ.ಡಿ. ಪ್ರಾಕ್‌ಹಾಟ್ ಟಿಕ್ ತೆಗೆಯಿರಿ, ಅಲ್ಲಿಗೆ ಮುಗಿಯಿತು. ಜೊತೆಗೆ -80 ಮಿಲಿವೋಲ್ಟ್ ಅಂಡರ್‌ವೋಲ್ಟ್ ಕೊಡಿ, ಅಂದರೆ ಚಿಪ್ಪಿನ ವೋಲ್ಟೇಜ್ ಇಳಿಸಿ.

ಡೊಂಬಿವಲಿ_ಫಾಸ್ಟ್
11ನೇ ಪೀಳಿಗೆಯ ಇಂಥ ತೆಳು ಲ್ಯಾಪ್‌ಟಾಪ್ ಚಿಪ್ಪುಗಳಲ್ಲಿ ಅಂಡರ್‌ವೋಲ್ಟ್ ಬಾಗಿಲು ಮುಚ್ಚಿದೆ. 2019ರ ಡಿಸೆಂಬರಿನಲ್ಲಿ, ವೋಲ್ಟೇಜ್ ಬದಲಿಸಿ ಚಿಪ್ಪಿನ ಭದ್ರತೆ ಮುರಿಯುವ ಪ್ಲಂಡರ್‌ವೋಲ್ಟ್ ಲೋಪ ಹೊರಬಂದ ಮೇಲೆ ಹಳೆಯವಕ್ಕೂ ಬಯಾಸ್ (ಬೋರ್ಡಿನ ಮೂಲ ತಂತ್ರಾಂಶ) ಅಪ್‌ಡೇಟಿನಲ್ಲಿ ಬೀಗ ಹಾಕಿದರು. ಸ್ಲೈಡರ್ ಎಳೆದರೂ ವೋಲ್ಟೇಜ್ ಇಳಿಯುವುದಿಲ್ಲ.

ಠಾಣೆ_ಥಂಡರ್
ನನ್ನ 8ನೇ ಪೀಳಿಗೆಯಲ್ಲಿ ಇವತ್ತಿಗೂ ಇಳಿಯುತ್ತದೆ.

ಡೊಂಬಿವಲಿ_ಫಾಸ್ಟ್
ನಿಮ್ಮ ಬಯಾಸ್ ಹಳೆಯದಿರಬೇಕು. ಇಲ್ಲಿ ಕೇಳಿದ್ದು 1135ಜಿ7 ಬಗ್ಗೆ.

ವಾಸ್ಕೋ_ವೋಲ್ಟ್ (ಗೋವಾ)
ಟಿಕ್ ತೆಗೆಯುವ ಸಲಹೆಯನ್ನು ದಯವಿಟ್ಟು ಯಾರೂ ಅನುಸರಿಸಬೇಡಿ. ಕೋರ್ ಬಿಸಿಯಾದರೆ ಚಿಪ್ ತನ್ನನ್ನು ತಾನು ಕಾಪಾಡಿಕೊಳ್ಳುತ್ತದೆ, ಅದು ನಿಜ. ಆದರೆ ವೋಲ್ಟೇಜ್ ಸರ್ಕ್ಯೂಟ್, ಬ್ಯಾಟರಿ, ಚಾರ್ಜಿಂಗ್ ಭಾಗ ಕೂಗಿಕೊಳ್ಳುವುದು ಈ ತಂತಿಯ ಮೂಲಕವೇ. ಕೂಗು ಕೇಳದಂತೆ ಕಿವಿ ಮುಚ್ಚಿದರೆ ಸುಡುವುದು ಬೋರ್ಡು. ಇನ್ನೊಂದು ವಿಷಯ: ವ್ಯಾಲರಂಟ್‌ನ ಮೋಸ ತಡೆಯುವ ತಂತ್ರಾಂಶ ವ್ಯಾಂಗಾರ್ಡ್ ಕರ್ನಲ್ (ವಿಂಡೋಸ್‌ನ ಒಳತಿರುಳು) ಮಟ್ಟದಲ್ಲಿ ಕೂತು ಲೋಪವಿರುವ ಡ್ರೈವರ್‌ಗಳನ್ನು ತಡೆಯುತ್ತದೆ. ಈ ಆಟ ಆಡುವ ಯಂತ್ರದಲ್ಲಿ ಥ್ರಾಟಲ್‌ಸ್ಟಾಪ್ ಥರದ್ದನ್ನು ಸದಾ ಓಡಿಸಿ ಇಡಬೇಡಿ.

ಕೊಥ್ರೂಡ್‌ನವರೇ, ನೀವು ಕೇಳಬೇಡಿ ಅಂದದ್ದನ್ನೇ ಕೇಳುತ್ತೇನೆ. ಚಾರ್ಜರ್ ಯಾವುದು? ಅದರ ಬೆನ್ನ ಮೇಲಿನ ಔಟ್‌ಪುಟ್ ಸಾಲನ್ನು ಇದ್ದ ಹಾಗೇ ಬರೆಯಿರಿ. ಆಟ ಶುರು ಮಾಡುವಾಗ ಬ್ಯಾಟರಿ ಎಷ್ಟು, ಬಿದ್ದಾಗ ಎಷ್ಟು? ಎಚ್‌ಡಬ್ಲ್ಯೂ ಇನ್ಫೋದಲ್ಲಿ ಬ್ಯಾಟರಿ ವಿಭಾಗದ ಚಾರ್ಜ್ ರೇಟ್ ಎಷ್ಟು?

ಗ್ರ್ಯಾಂಟ್‌ರೋಡ್_ಗೇಮರ್
ಚಾರ್ಜರ್ ಹಾಳಾಗಿದ್ದರೆ ಮೊದಲ ಹತ್ತು ನಿಮಿಷ ಹೇಗೆ ಓಡುತ್ತದೆ? ಕಂಪ್ಯೂಟರ್ ಅಂಗಡಿಗಳ ಲ್ಯಾಮಿಂಗ್ಟನ್ ರೋಡಿಗೆ ಬರುವ ಇಂಥ ಯಂತ್ರಗಳಲ್ಲಿ ಹೆಚ್ಚಿನವು ಪೇಸ್ಟಿನವೇ.

ಕೊಥ್ರೂಡ್_ಕ್ಲಚ್
ಚಾರ್ಜರ್ 67 ವ್ಯಾಟಿಂದು, ಮೊಬೈಲಿಂದು. ಲ್ಯಾಪ್‌ಟಾಪಿನ 65ರ ಚಾರ್ಜರ್ ಆಫೀಸಿನ್ಯಾಗ ಇಟ್ಟೀನಿ. ಇದು ಅದಕ್ಕಿಂತ ಎರಡು ವ್ಯಾಟ್ ಜಾಸ್ತಿನ ಅದ, ಹಂಗಾಗಿ ಹೇಳಿರಲಿಲ್ಲ. ಬೆನ್ನ ಮ್ಯಾಲೆ: 5 ವೋಲ್ಟ್ 3 ಆಂಪ್, 9 ವೋಲ್ಟ್ 3 ಆಂಪ್, 11 ವೋಲ್ಟ್ 6.1 ಆಂಪ್. ಬ್ಯಾಟರಿ ಶುರುವಿಗೆ 25%, ಬಿದ್ದಾಗ 16%. ಚಾರ್ಜ್ ರೇಟ್ ಆಡೂ ಮುಂದ ಮೈನಸ್ 14 ವ್ಯಾಟ್. ಸ್ಲೋ ಚಾರ್ಜರ್ ಅಂತ ವಿಂಡೋಸ್ ಒಂದು ನೋಟಿಸ್ ತೋರಸ್ತದ, ಅದನ್ನ ದಿನಾ ಮುಚ್ಚಿ ಬಿಡ್ತೀನಿ.

ವಾಸ್ಕೋ_ವೋಲ್ಟ್
ಆ ನೋಟಿಸ್ ಮೊದಲ ಪೋಸ್ಟಿನಲ್ಲೇ ಬಂದಿದ್ದರೆ ಇಷ್ಟು ಸುತ್ತಾಟ ಬೇಕಿರಲಿಲ್ಲ.

11 ವೋಲ್ಟ್ 6.1 ಆಂಪ್, ಅಂದರೆ 67 ವ್ಯಾಟ್, ಆ ಮೊಬೈಲಿನ ಸ್ವಂತ ಭಾಷೆ. ಲ್ಯಾಪ್‌ಟಾಪಿಗೆ ಅದು ಗೊತ್ತಿಲ್ಲ. ಲ್ಯಾಪ್‌ಟಾಪ್ ಮಾತಾಡುವುದು ಯುಎಸ್‌ಬಿ ಪವರ್ ಡೆಲಿವರಿ ಎಂಬ ಸಾಮಾನ್ಯ ಚಾರ್ಜಿಂಗ್ ಭಾಷೆ, ಕೇಳುವುದು 20 ವೋಲ್ಟ್. ಸಿಗದಿದ್ದಾಗ ಸಿಕ್ಕಿದ್ದರಲ್ಲಿ ಮೇಲಿನದು 9 ವೋಲ್ಟ್ 3 ಆಂಪ್, ಅಂದರೆ 27 ವ್ಯಾಟ್. ಆಡುವಾಗ ಚಿಪ್ಪಿಗೇ 27 ಬೇಕು. ಪರದೆ, ರ‍್ಯಾಮ್, ಎಸ್‌ಎಸ್‌ಡಿ, ವೈಫೈ, ಫ್ಯಾನ್ ಸೇರಿ ಒಟ್ಟು 40ರ ಹತ್ತಿರ. ಕೊರತೆಯ 14 ವ್ಯಾಟ್ ಬ್ಯಾಟರಿಯಿಂದ ಹೋಗುತ್ತಿದೆ, ನಿಮ್ಮ ಮೈನಸ್ 14 ಅದೇ. ಬ್ಯಾಟರಿ ಒಂದು ಮಟ್ಟಕ್ಕಿಂತ ಕೆಳಗೆ ಬಂದ ಕೂಡಲೇ ಕಂಟ್ರೋಲರ್ ತಂತಿ ಎಳೆದು ಚಿಪ್ಪನ್ನು 0.39ಕ್ಕೆ ಕಟ್ಟಿಹಾಕುತ್ತದೆ. ಅರ್ಧ ತಾಸು ಬಿಟ್ಟಾಗ ತಣ್ಣಗಾಗಿ ಸರಿಹೋದದ್ದಲ್ಲ, ಬ್ಯಾಟರಿ ಸ್ವಲ್ಪ ತುಂಬಿಕೊಂಡು ಸರಿಹೋದದ್ದು. ಹತ್ತು ನಿಮಿಷ ಹೇಗೆ ಓಡಿತು ಅಂತ ಮೇಲೆ ಕೇಳಿದ್ದಕ್ಕೂ ಉತ್ತರ ಇದೇ.

ಇನ್ನೂ ಒಂದಿದೆ. 14 ವ್ಯಾಟ್ ಲೆಕ್ಕದಲ್ಲಿ ಹತ್ತು-ಹನ್ನೆರಡು ನಿಮಿಷಕ್ಕೆ ಹೋಗುವುದು ಎರಡೂವರೆ-ಮೂರು ವ್ಯಾಟ್-ಅವರ್. ಅಷ್ಟಕ್ಕೇ 9% ಇಳಿದಿದೆ ಅಂದರೆ ಬ್ಯಾಟರಿ ಪೂರ್ತಿ ತುಂಬಿದರೂ ಈಗ 30 ವ್ಯಾಟ್-ಅವರ್ ಆಸುಪಾಸೇ ಹಿಡಿಯುತ್ತದೆ. ಕಮಾಂಡ್ ಪ್ರಾಂಪ್ಟಿನಲ್ಲಿ ಬ್ಯಾಟರಿ ರಿಪೋರ್ಟ್ ತೆಗೆದು ಡಿಸೈನ್ ಕೆಪಾಸಿಟಿ, ಫುಲ್ ಚಾರ್ಜ್ ಕೆಪಾಸಿಟಿ ಎರಡನ್ನೂ ಪಕ್ಕಪಕ್ಕ ನೋಡಿ.

ಮಡಗಾಂವ್_ಮಳೆ (ಗೋವಾ)
ಎರಡನೇ ಚಾರ್ಜರ್ ಕೊಳ್ಳುವವರು ಔಟ್‌ಪುಟ್ ಸಾಲಿನಲ್ಲಿ 20 ವೋಲ್ಟ್ 3.25 ಆಂಪ್ ಇರುವುದನ್ನು ನೋಡಿಯೇ ಕೊಳ್ಳಿ. 3 ಆಂಪ್ ದಾಟುವುದಕ್ಕೆ 5 ಆಂಪಿನ ಇ-ಮಾರ್ಕ್ (ತನ್ನ ಮಿತಿ ಹೇಳುವ ಚಿಪ್ ಇರುವ) ಕೇಬಲ್ ಬೇಕು. ಸಾಧಾರಣ ಕೇಬಲ್ ಹಾಕಿದರೆ 100 ವ್ಯಾಟಿನ ಚಾರ್ಜರ್ ಕೂಡ 20 ವೋಲ್ಟ್ 3 ಆಂಪಿಗೆ, ಅಂದರೆ 60 ವ್ಯಾಟಿಗೆ ನಿಲ್ಲುತ್ತದೆ. ಎರಡು-ಮೂರು ಪೋರ್ಟ್ ಇದ್ದರೆ ಇನ್ನೊಂದಕ್ಕೆ ಮೊಬೈಲ್ ಸಿಕ್ಕಿಸಿದ ಕೂಡಲೇ ಹಂಚಿಕೆ ಬದಲಾಗುತ್ತದೆ, ಲ್ಯಾಪ್‌ಟಾಪಿಗೆ 45 ಉಳಿದೀತು. ಆಡುವಾಗ ಬೇರೇನೂ ಸಿಕ್ಕಿಸಬೇಡಿ.

ಠಾಣೆ_ಥಂಡರ್
ಇಷ್ಟೆಲ್ಲ ಏಕೆ? ಥಂಡರ್‌ಬೋಲ್ಟ್ ಪೋರ್ಟ್ ಇದ್ದರೆ ಹೊರಗಿನ ಗ್ರಾಫಿಕ್ಸ್ ಪೆಟ್ಟಿಗೆ ಹಾಕಿ. ನನ್ನ ಸೆಟಪ್: ಆರ್‌ಟಿಎಕ್ಸ್ 3060 12 ಜಿಬಿ, 650 ವ್ಯಾಟ್ ಪವರ್ ಸಪ್ಲೈ, 27 ಇಂಚಿನ 1440ಪಿ ಮಾನಿಟರ್, 165 ಹರ್ಟ್ಸ್. ಒಂದೇ ಕೇಬಲ್ ಸಿಕ್ಕಿಸಿದರೆ ಲ್ಯಾಪ್‌ಟಾಪ್ ಚಾರ್ಜೂ ಆಗುತ್ತದೆ. ಮಾನಿಟರನ್ನು ಕಾರ್ಡಿಗೇ ಹಚ್ಚಬೇಕು. ಲ್ಯಾಪ್‌ಟಾಪ್ ಪರದೆಯಲ್ಲೇ ನೋಡುತ್ತೇನೆ ಅಂದರೆ ಚಿತ್ರ ಅದೇ ಕೇಬಲಿನಲ್ಲಿ ವಾಪಸ್ ಬರಬೇಕಾಗಿ ಎಫ್‌ಪಿಎಸ್ ಕಳೆದುಹೋಗುತ್ತದೆ.

ಡೊಂಬಿವಲಿ_ಫಾಸ್ಟ್
40 ಗಿಗಾಬಿಟ್ ಕೇಬಲಿನಲ್ಲಿ ಪಿಸಿಐಇಗೆ (ಗ್ರಾಫಿಕ್ಸ್ ಕಾರ್ಡಿನ ಮಾಹಿತಿ ಓಡುವ ದಾರಿ) ಸಿಗುವುದು 32. ವ್ಯಾಲರಂಟಿಗೆ ಕಾರ್ಡಿಗಿಂತ ಸಿಪಿಯು ಮುಖ್ಯ. ನಿಮ್ಮ ಸೆಟಪ್ಪಿಗೆ ಬೇರೆ ಎಳೆ ತೆರೆಯಿರಿ, ಇಲ್ಲಿ ಅವರ ಪ್ರಶ್ನೆ ಮುಳುಗುತ್ತದೆ.

ಕೊಥ್ರೂಡ್_ಕ್ಲಚ್
ಆಫೀಸಿನಿಂದ 65ರ ಚಾರ್ಜರ್ ತಂದೆ. ಎರಡು ತಾಸು ಆಡೀನಿ, ಒಮ್ಮೆಯೂ 0.39ಕ್ಕ ಬಿದ್ದಿಲ್ಲ. ಆಡ್ತಾ ಇದ್ದಾಗ ಬ್ಯಾಟರಿ ಏರತದ. ವಾಸ್ಕೋ ಅಣ್ಣಾರ ಭಾಳ ಉಪಕಾರ ಆತು. ರಿಪೋರ್ಟ್‌ನಾಗ ಡಿಸೈನ್ 50, ಫುಲ್ ಚಾರ್ಜ್ 31 ಅದ. ಆದ್ರ ಎಫ್‌ಪಿಎಸ್ 70 ದಾಟವಲ್ದು. ಇದ ಚಿಪ್ಪಿನ ಲ್ಯಾಪ್‌ಟಾಪಿನ್ಯಾಗ 100 ಬರೂದು ವಿಡಿಯೋದಾಗ ನೋಡೀನಿ.

ಗ್ರ್ಯಾಂಟ್‌ರೋಡ್_ಗೇಮರ್
ಚಾರ್ಜರ್ ವಿಷಯದಲ್ಲಿ ನಾನು ಹೇಳಿದ್ದು ತಪ್ಪು. ಆದರೆ 70 ದಾಟದಿರುವುದಕ್ಕೆ ಪೇಸ್ಟ್ ಕಾರಣ ಇರಬಹುದು.

ಡೊಂಬಿವಲಿ_ಫಾಸ್ಟ್
ಟಾಸ್ಕ್ ಮ್ಯಾನೇಜರ್, ಪರ್ಫಾರ್ಮೆನ್ಸ್. ಜಿಪಿಯು (ಗ್ರಾಫಿಕ್ಸ್ ಚಿಪ್) ಹೆಸರು ಏನಿದೆ? ಮೆಮೊರಿಯಲ್ಲಿ ಸ್ಲಾಟ್ಸ್ ಯೂಸ್ಡ್ ಎಷ್ಟು?

ಕೊಥ್ರೂಡ್_ಕ್ಲಚ್
ಯುಎಚ್‌ಡಿ ಗ್ರಾಫಿಕ್ಸ್ ಅಂತ ಅದ. ಮೆಮೊರಿ 8 ಜಿಬಿ, 2ರಾಗ 1.

ಡೊಂಬಿವಲಿ_ಫಾಸ್ಟ್
ಈ ಚಿಪ್ಪಿನಲ್ಲಿರುವುದು ಐರಿಸ್ ಎಕ್ಸ್‌ಇ, 80 ಎಕ್ಸಿಕ್ಯೂಶನ್ ಯೂನಿಟ್ (ಲೆಕ್ಕ ಮಾಡುವ ಘಟಕ). ಆದರೆ ರ‍್ಯಾಮ್ ಡ್ಯುಯಲ್ ಚಾನೆಲ್ (ಎರಡು ದಾರಿಯಲ್ಲಿ ಒಟ್ಟಿಗೆ) ಇದ್ದರೆ ಮಾತ್ರ ಆ ಹೆಸರು ತೋರಿಸುತ್ತದೆ, ಒಂದೇ ಚಾನೆಲ್ ಇದ್ದರೆ ಯುಎಚ್‌ಡಿ ಅನ್ನುತ್ತದೆ. ಇದು ಹೆಸರಿನ ಮಾತಷ್ಟೇ ಅಲ್ಲ. ಒಳಗಿನ ಗ್ರಾಫಿಕ್ಸಿಗೆ ಸ್ವಂತ ಮೆಮೊರಿ ಇಲ್ಲ, ಸಿಪಿಯು ಜೊತೆ ರ‍್ಯಾಮ್ ಹಂಚಿಕೊಳ್ಳಬೇಕು. ಡಿಡಿಆರ್4 3200ರ ಒಂದು ಚಾನೆಲ್ ಸೆಕೆಂಡಿಗೆ 25.6 ಗಿಗಾಬೈಟ್, ಎರಡಾದರೆ 51.2. ನಿಮ್ಮ ಗ್ರಾಫಿಕ್ಸ್ ಅರ್ಧ ಹೊಟ್ಟೆಯಲ್ಲಿ ದುಡಿಯುತ್ತಿದೆ. ಬೋರ್ಡಿಗೆ ಬೆಸೆದ 8 ಇದ್ದು ಒಂದು ಸ್ಲಾಟ್ ಖಾಲಿ ಇರುವಂತಿದೆ. ಟಾಸ್ಕ್ ಮ್ಯಾನೇಜರ್ ಕೆಲವು ಯಂತ್ರಗಳಲ್ಲಿ ಇಲ್ಲದ ಸ್ಲಾಟನ್ನೂ ಎಣಿಸುತ್ತದೆ, ಬಿಚ್ಚಿ ಕಣ್ಣಾರೆ ನೋಡಿದ ಮೇಲೆಯೇ ಕೊಳ್ಳಿ. ಬೇಕಾದ್ದು ಡಿಡಿಆರ್4 3200 ಎಸ್‌ಓ-ಡಿಮ್ (ಲ್ಯಾಪ್‌ಟಾಪ್ ಅಳತೆಯ ರ‍್ಯಾಮ್), 260 ಪಿನ್, 1.2 ವೋಲ್ಟ್, 8 ಜಿಬಿ.

ಠಾಣೆ_ಥಂಡರ್
8 ಯಾರು ಹಾಕುತ್ತಾರೆ ಈಗ? 16 ಹಾಕಿ.

ಡೊಂಬಿವಲಿ_ಫಾಸ್ಟ್
8 ಜೊತೆ 16 ಹಾಕಿದರೆ ಮೊದಲ 16 ಮಾತ್ರ ಎರಡು ಚಾನೆಲ್, ಉಳಿದ 8 ಒಂದೇ ಚಾನೆಲ್. ಕೆಲಸ ಮಾಡುತ್ತದೆ. ಆದರೆ ಈ ಆಟಕ್ಕೆ ಆ ದುಡ್ಡು ಬೇಡ, ಅದನ್ನು ಹೊಸ ಬ್ಯಾಟರಿಗೆ ಎತ್ತಿಡಲಿ.

ವಾಸ್ಕೋ_ವೋಲ್ಟ್
ಹಾಕುವಾಗ ಫಾಸ್ಟ್ ಸ್ಟಾರ್ಟಪ್ ತೆಗೆದು ಪೂರ್ತಿ ಶಟ್‌ಡೌನ್ ಮಾಡಿ, ಬ್ಯಾಟರಿ ಕನೆಕ್ಟರ್ ಬಿಡಿಸಿ. ರ‍್ಯಾಮ್ 30 ಡಿಗ್ರಿ ಓರೆಯಲ್ಲಿ ಒಳಕ್ಕೆ ತಳ್ಳಿ, ಚಿನ್ನದ ಪಟ್ಟಿ ಹೆಚ್ಚುಕಡಿಮೆ ಕಾಣದಂತಾದ ಮೇಲೆ ಕೆಳಗೆ ಒತ್ತಿ, ಎರಡೂ ಕೊಂಡಿ ಕಚ್ಚಬೇಕು. ಮೊದಲ ಸಲ ಆನ್ ಮಾಡಿದಾಗ ಒಂದೆರಡು ನಿಮಿಷ ಪರದೆ ಕಪ್ಪಗೇ ಇರಬಹುದು. ರ‍್ಯಾಮನ್ನು ಕಲಿಯುತ್ತಿರುತ್ತದೆ, ಗಾಬರಿಯಾಗಿ ಪವರ್ ಒತ್ತಬೇಡಿ.

ಕೊಥ್ರೂಡ್_ಕ್ಲಚ್
ಪುಣೆ ಎಲೆಕ್ಟ್ರಾನಿಕ್ಸ್ ಬಜಾರ ತಪಕೀರ್ ಗಲ್ಲಿಯಿಂದ ರ‍್ಯಾಮ್ ತಂದೀನಿ, ಕೊಳ್ಳೂಕಿಂತ ಮದ್ಲ ಅಂಗಡಿಯವರು ಬಿಚ್ಚಿ ಸ್ಲಾಟ್ ತೋರಿಸಿದ್ರು. ಈಗ ಮನ್ಯಾಗ ಹಿಂದಿನ ಮುಚ್ಚಳದ ಒಂದು ಸ್ಕ್ರೂ ತಲಿ ಸವದದ. ಸ್ಕ್ರೂಡ್ರೈವರ್ ಗರಗರ ತಿರಗತದ, ಸ್ಕ್ರೂ ಬರವಲ್ದು.

ಗ್ರ್ಯಾಂಟ್‌ರೋಡ್_ಗೇಮರ್
ಡ್ರೈವರ್ ತುದಿ ಸಣ್ಣದಾಗಿದೆ. ಪಿಎಚ್ 0 (ಪ್ಲಸ್ ತುದಿಯ ಅಳತೆ) ಹಿಡಿಯಿರಿ. ಅಗಲದ ರಬ್ಬರ್ ಬ್ಯಾಂಡ್ ತುಂಡನ್ನು ಸ್ಕ್ರೂ ಮೇಲಿಟ್ಟು, ಅದರ ಮೇಲೆ ಡ್ರೈವರ್ ಊರಿ, ತಿರುಗಿಸುವುದಕ್ಕಿಂತ ಹೆಚ್ಚು ಬಲ ಕೆಳಗೆ ಒತ್ತುವುದಕ್ಕೆ ಹಾಕಿ, ನಿಧಾನಕ್ಕೆ. ಸ್ಕ್ರೂಗಳ ಉದ್ದ ಬೇರೆ ಬೇರೆ ಇರುತ್ತದೆ. ಕಾಗದದ ಮೇಲೆ ಮುಚ್ಚಳದ ಚಿತ್ರ ಬರೆದು ಆಯಾ ಜಾಗಕ್ಕೆ ಅಂಟಿಸಿಡಿ. ಉದ್ದದ್ದನ್ನು ಗಿಡ್ಡದರ ತೂತಿಗೆ ಹಾಕಿದರೆ ಕೀಬೋರ್ಡ್ ಕಡೆಯಿಂದ ಉಬ್ಬಿ ಬರುತ್ತದೆ.

ಕೊಥ್ರೂಡ್_ಕ್ಲಚ್
ರಬ್ಬರ್ ಬ್ಯಾಂಡ್ ಕೆಲಸ ಮಾಡ್ತು. ರ‍್ಯಾಮ್ ಕೂತದ, ಹೆಸರು ಐರಿಸ್ ಎಕ್ಸ್‌ಇ ಆಗೇದ. ಅದ ಸೆಟ್ಟಿಂಗ್, 1080ಪಿ, 95ರಿಂದ 105. ಬಿಸಿ ಈಗ 91 ಮುಟ್ಟತದ.

ಡೊಂಬಿವಲಿ_ಫಾಸ್ಟ್
ಗ್ರಾಫಿಕ್ಸ್ ಈಗ ಪೂರ್ತಿ ದುಡಿಯುತ್ತಿದೆ, ಬಿಸಿ ಏರುವುದು ಸಹಜ. ನಿಮ್ಮ ಪರದೆ 60 ಹರ್ಟ್ಸ್ ಆಗಿದ್ದರೆ ಆಟದಲ್ಲೇ ಎಫ್‌ಪಿಎಸ್ ಮಿತಿ 75 ಇಡಿ, ಐದಾರು ವ್ಯಾಟ್ ಉಳಿದೀತು. ಹಿಂದಿನ ಅಂಚನ್ನು ಎರಡು ಸೆಂಟಿಮೀಟರ್ ಎತ್ತರಿಸಿ, ಗಾಳಿ ಎಳೆಯುವ ಜಾಲರಿ ಮೇಜಿಗೆ ಅಂಟಿ ಕೂರಬಾರದು. ಹಾಸಿಗೆಯ ಮೇಲಂತೂ ಇಡಲೇಬೇಡಿ.

ಗ್ರ್ಯಾಂಟ್‌ರೋಡ್_ಗೇಮರ್
91 ಅಂದರೆ ಈಗ ನಿಜವಾಗಿಯೂ ಪೇಸ್ಟ್ ನೋಡಬೇಕು. ಮುಚ್ಚಳ ಹೇಗೂ ಬಿಚ್ಚಿ ಅಭ್ಯಾಸ ಆಯಿತಲ್ಲ.

ಮಡಗಾಂವ್_ಮಳೆ
ಪೇಸ್ಟಿಗಿಂತ ಮೊದಲು ಫ್ಯಾನಿನ ರೆಕ್ಕೆ ಒಂದು ಬೆರಳಲ್ಲಿ ಹಿಡಿದುಕೊಂಡು ತಾಮ್ರದ ಜಾಲರಿಯ ಧೂಳನ್ನು ಬ್ರಷ್‌ನಿಂದ ತೆಗೆದು ನೋಡಿ. ಫ್ಯಾನಿಗೂ ಜಾಲರಿಗೂ ನಡುವೆ ಧೂಳು ಬಟ್ಟೆಯ ಹಾಗೆ ಕಟ್ಟಿಕೊಂಡಿರುತ್ತದೆ, ಹೊರಗಿನಿಂದ ಊದಿದರೆ ಅದು ಬರುವುದಿಲ್ಲ. ಅದಾದ ಮೇಲೂ 91 ಇದ್ದರೆ ಪೇಸ್ಟ್.