ಮೈಕೆಲ್ ಪೇಲಿನ್: ಪ್ರಹಸನದ ಅಂಗಡಿಯವನು ಲೋಕಸಂಚಾರದ ನಿರೂಪಕನಾದುದು ಹೇಗೆ?

ಪ್ರಶ್ನೆ – ಮಧುವಾಹಿನಿ, ಕಾಸರಗೋಡು

ಮಾನ್ಯರೇ,

ನಮ್ಮ ಊರಿನ ವಾಚನಾಲಯದಲ್ಲಿ ತಿಂಗಳಿಗೊಮ್ಮೆ ಹದಿನೈದಿಪ್ಪತ್ತು ಮಂದಿ ಸೇರುತ್ತೇವೆ. ಅವರಲ್ಲಿ ಒಬ್ಬರು ತಮಗೆ ಮೆಚ್ಚುಗೆಯಾದ ಕಲಾವಿದನ ಬಗ್ಗೆ ಅರ್ಧ ಗಂಟೆ ಮಾತನಾಡುವುದು ರೂಢಿ. ಮುಂದಿನ ಸರದಿ ನನ್ನದು. ಆರಿಸಿಕೊಂಡಿರುವುದು ಬ್ರಿಟನ್ನಿನ ಮೈಕೆಲ್ ಪೇಲಿನ್ ಅವರನ್ನು. ನಾನು ಅವರನ್ನು ಮೊದಲು ಕಂಡದ್ದು ಪ್ರವಾಸಿಯ ರೂಪದಲ್ಲಿ. ಬಿಬಿಸಿಯ ‘ಹಿಮಾಲಯ’ ಸರಣಿಯನ್ನು, ಅದು 2004ರಲ್ಲಿ ಪ್ರಸಾರವಾಗಿ ಎಷ್ಟೋ ವರ್ಷಗಳು ಕಳೆದ ಮೇಲೆ, ಮಗನ ಕಂಪ್ಯೂಟರಿನಲ್ಲಿ ನೋಡಿದ್ದೆ. ಧರ್ಮಶಾಲೆಯಲ್ಲಿ ದಲಾಯಿ ಲಾಮಾ ಅವರೆದುರು ಕುಳಿತು ಸಂಕೋಚದಿಂದ ಮಾತನಾಡಿದ ಆ ಮನುಷ್ಯನೇ, 1969ರಲ್ಲಿ ಆರಂಭವಾದ ‘ಮಾಂಟಿ ಪೈಥಾನ್ಸ್ ಫ್ಲೈಯಿಂಗ್ ಸರ್ಕಸ್’ ಎಂಬ ಬಿಬಿಸಿ ಹಾಸ್ಯ ಕಾರ್ಯಕ್ರಮದಲ್ಲಿ ಸತ್ತ ಗಿಳಿಯನ್ನು ಗಿರಾಕಿಗೆ ದಾಟಿಸಿ, ಅದು ಸತ್ತಿಲ್ಲ, ವಿಶ್ರಾಂತಿ ಪಡೆಯುತ್ತಿದೆ ಎಂದು ಸಾಧಿಸಿದ ಅಂಗಡಿಯವನು ಎಂದು ತಿಳಿದಾಗ ನನಗೆ ನಂಬಲಾಗಲಿಲ್ಲ.

ಹೊರ ವಿವರಗಳು ನನಗೆ ಸಿಕ್ಕಿವೆ. 1943ರಲ್ಲಿ ಶೆಫೀಲ್ಡಿನಲ್ಲಿ ಜನನ, ಆಕ್ಸ್‌ಫರ್ಡಿನಲ್ಲಿ ಇತಿಹಾಸದ ವ್ಯಾಸಂಗ, ಅಲ್ಲಿಯೇ ಟೆರಿ ಜೋನ್ಸ್ ಅವರ ಗೆಳೆತನ, ಇಬ್ಬರೂ ಸೇರಿ ದೂರದರ್ಶನಕ್ಕೆ ಹಾಸ್ಯ ಬರೆದುದು, ಆರು ಮಂದಿಯ ಪೈಥಾನ್ ತಂಡ, ಆಮೇಲೆ ಚಲನಚಿತ್ರಗಳು, 1988ರಿಂದ ಲೋಕಸಂಚಾರ, 2009ರಿಂದ 2012ರವರೆಗೆ ರಾಯಲ್ ಜಿಯಾಗ್ರಫಿಕಲ್ ಸೊಸೈಟಿಯ ಅಧ್ಯಕ್ಷ ಪದವಿ, 2019ರಲ್ಲಿ ‘ಸರ್’ ಬಿರುದು. ಇಷ್ಟನ್ನು ಓದಿ ಮುಗಿಸುವುದಕ್ಕೆ ನಾನು ಬೇಕಾಗಿಲ್ಲ. ನನ್ನನ್ನು ಕಾಡುವ ಪ್ರಶ್ನೆ ಬೇರೆ. ಹಾಸ್ಯಗಾರ, ನಟ, ನಿರೂಪಕ ಎಂಬುವು ಒಬ್ಬನೇ ಮನುಷ್ಯ ಒಂದರ ನಂತರ ಒಂದಾಗಿ ಕಳಚಿ ತೊಟ್ಟ ಮೂರು ವೇಷಗಳೇ, ಅಥವಾ ಒಂದೇ ವಿದ್ಯೆಯ ಮೂರು ಪ್ರಯೋಗಗಳೇ? ಬಲ್ಲವರು ದಯವಿಟ್ಟು ತಿಳಿಸಬೇಕು.

ಉತ್ತರ 1 – ಚೌಕಿಯ ಮೂಲೆ, ಕುಂಬಳೆ

ಯಕ್ಷಗಾನ ಕವಿ ಪಾರ್ತಿಸುಬ್ಬನ ಊರಿನವನಾದ ನನಗೆ ಯಕ್ಷಗಾನವನ್ನು ಬಿಟ್ಟು ಉತ್ತರಿಸಲು ಬರುವುದಿಲ್ಲ, ಕ್ಷಮಿಸಬೇಕು.

ತೆಂಕುತಿಟ್ಟಿನ ಆಟವನ್ನು ಬೆಳಗಿನವರೆಗೆ ಕುಳಿತು ನೋಡಿದವರಿಗೆ ಒಂದು ಸಂಗತಿ ಗೊತ್ತಿರುತ್ತದೆ. ಎದುರುವೇಷದವನು ಒಂದು ರಾತ್ರಿಗೆ ಒಂದು ಪಾತ್ರ ಮಾಡಿದರೆ ಸಾಕು. ಆದರೆ ಹಾಸ್ಯಗಾರನು ಒಮ್ಮೆ ದೂತನಾಗಿ, ಒಮ್ಮೆ ವನಪಾಲಕನಾಗಿ, ಇನ್ನೊಮ್ಮೆ ಬ್ರಾಹ್ಮಣನಾಗಿ, ಮುದುಕಿಯಾಗಿ ಮತ್ತೆ ಮತ್ತೆ ರಂಗಸ್ಥಳಕ್ಕೆ ಬರುತ್ತಾನೆ. ಭಾಗವತರನ್ನು ಬಿಟ್ಟರೆ ಪ್ರಸಂಗದ ನಡೆಯನ್ನು ಮೊದಲಿನಿಂದ ಕೊನೆಯವರೆಗೆ ಬಲ್ಲವನು ಅವನೇ ಎಂದು ನಮ್ಮ ಹಿರಿಯರು ಹೇಳುವುದು ಸುಮ್ಮನೆ ಅಲ್ಲ. ಅವನ ಮುಖ್ಯ ಕೆಲಸ ನಗಿಸುವುದು ಎಂದು ನಾವು ತಿಳಿದಿರುತ್ತೇವೆ. ನಿಜವಾಗಿ ಅವನ ಕೆಲಸ ಎದುರಿನ ಪಾತ್ರದಿಂದ ಮಾತು ಹೊರಡಿಸುವುದು. ನಗು ಆ ಕೆಲಸದ ಮೇಲಾದಾಯ.

ಈಗ ಪೇಲಿನ್ ಅವರನ್ನು ನೋಡಿ. 1975ರ ‘ಮಾಂಟಿ ಪೈಥಾನ್ ಅಂಡ್ ದಿ ಹೋಲಿ ಗ್ರೇಲ್’ ಚಿತ್ರವೊಂದರಲ್ಲಿಯೇ ಅವರು ಹತ್ತಕ್ಕೂ ಹೆಚ್ಚು ಸಣ್ಣಪುಟ್ಟ ಪಾತ್ರಗಳನ್ನು ಮಾಡಿದ್ದಾರೆ. ನೀವು ಹೇಳಿದ ಗಿಳಿಯ ಪ್ರಹಸನದಲ್ಲಿ ಸಿಟ್ಟಿನಿಂದ ಕೂಗಾಡುವ ಗಿರಾಕಿ ಪೈಥಾನ್ ತಂಡದ ಜಾನ್ ಕ್ಲೀಸ್. ನೆನಪಿನಲ್ಲಿ ಉಳಿಯುವ ಮಾತುಗಳೆಲ್ಲ ಬಹುತೇಕ ಅವರವೇ. ಆದರೆ ಕ್ಲೀಸ್ ಅವರ ಸಿಟ್ಟು ಮೆಟ್ಟಿಲು ಮೆಟ್ಟಿಲಾಗಿ ಏರುವುದು ಅಂಗಡಿಯವನು ಪ್ರತಿ ಬಾರಿಯೂ ಮುಖದ ಗೆರೆ ಕದಲಿಸದೆ ಹೊಸದೊಂದು ನೆಪ ಮುಂದಿಡುವುದರಿಂದ. ಆ ನೆಪಗಳನ್ನು ತೆಗೆದು ನೋಡಿ, ಕ್ಲೀಸ್ ಅವರ ಅರ್ಥಗಾರಿಕೆ ಎರಡು ವಾಕ್ಯದಲ್ಲಿ ಮುಗಿದುಹೋಗುತ್ತದೆ. ಪ್ರಹಸನದ ಬೀಜವೂ ಪೇಲಿನ್ ಅವರ ಅನುಭವವೇ. ಅವರ ಕಾರಿನ ದೋಷ ಏನೆಂದು ಹೇಳಿದರೂ ಒಪ್ಪದೆ, ಅದಕ್ಕೊಂದು ಸಮಾಧಾನ ಕೊಡುತ್ತಿದ್ದ ಗ್ಯಾರೇಜಿನವನೊಬ್ಬನಿದ್ದನಂತೆ. ಆ ಕಥೆಯನ್ನು ಕೇಳಿದ ಕ್ಲೀಸ್ ಮತ್ತು ತಂಡದ ಇನ್ನೊಬ್ಬರಾದ ಗ್ರಹಾಂ ಚಾಪ್ಮನ್ ಅದನ್ನು ಬೆಳೆಸಿ, ಕಾರಿನ ಜಾಗದಲ್ಲಿ ಗಿಳಿಯನ್ನು ತಂದರು.

ಹೀಗೆ ಎದುರಿನವರಿಂದ ಮಾತು ಹೊರಡಿಸುವ ಕೌಶಲ ಇರುವವನು ನಿರೂಪಕನಾಗಲು ಹೊಸದಾಗಿ ಕಲಿಯಬೇಕಾದುದು ಹೆಚ್ಚಿಲ್ಲ. ತಂಡದವರೇ ಆದ ಕ್ಲೀಸ್ ಅವರನ್ನು ಲೋಕ ಸುತ್ತಲು ಕಳುಹಿಸಿದ್ದರೆ ನಾವು ಕ್ಲೀಸ್ ಅವರನ್ನು ನೋಡುತ್ತಿದ್ದೆವು, ಲೋಕವನ್ನಲ್ಲ. ಇದು ನಿಂದೆಯಲ್ಲ, ಅವರದು ರಾಜವೇಷ.

ನಮ್ಮ ಶೇಣಿ ಗೋಪಾಲಕೃಷ್ಣ ಭಟ್ಟರು ಹರಿಕಥೆಯಿಂದ ಯಕ್ಷಗಾನಕ್ಕೆ ಬಂದವರು. ಒಬ್ಬನೇ ನಿಂತು ಎಲ್ಲ ಪಾತ್ರಗಳನ್ನೂ ಮಾತಿನಲ್ಲಿ ಕಟ್ಟುವ ಆ ಅಭ್ಯಾಸ ಅವರ ತಾಳಮದ್ದಳೆಯ ಅರ್ಥದಲ್ಲಿ ಕೊನೆಯವರೆಗೂ ಕೇಳುತ್ತಿತ್ತು. ಕಲಾವಿದನು ಮನೆ ಬದಲಾಯಿಸಿದರೂ ಪಾತ್ರೆಪಗಡಿ ಹಳೆಯದೇ ಬರುತ್ತದೆ.

ಉತ್ತರ 2 – ಪಯಸ್ವಿನಿ, ಮುಳ್ಳೇರಿಯ

ಕುಂಬಳೆಯ ಹಿರಿಯರ ಹೋಲಿಕೆ ಸೊಗಸಾಗಿದೆ. ಆದರೆ ಅದು ಹಾಸ್ಯದಿಂದ ನೇರವಾಗಿ ನಿರೂಪಣೆಗೆ ಹಾರಿ, ನಡುವಿನ ನಟನನ್ನು ದಾಟಿಬಿಟ್ಟಿದೆ. ನನ್ನ ಅಭಿಪ್ರಾಯದಲ್ಲಿ ಪೇಲಿನ್ ಅವರ ನಿಜವಾದ ಪಲ್ಲಟ ಅಲ್ಲಿಯೇ ನಡೆದದ್ದು. ನಾನು ಶಾಲೆಯಲ್ಲಿ ಪಾಠ ಹೇಳುವವಳಾದುದರಿಂದ ನನ್ನ ಗಮನ ಒಂದೇ ವಿಷಯದ ಮೇಲೆ ನಿಂತಿದೆ: ಉಗ್ಗು.

1979ರ ‘ಲೈಫ್ ಆಫ್ ಬ್ರಯನ್’ ಚಿತ್ರದಲ್ಲಿ ಅವರು ರೋಮನ್ ಅಧಿಕಾರಿ ಪೊಂತಿಯಸ್ ಪಿಲಾತನ ಪಾತ್ರ ಮಾಡಿದರು. ಅವನ ನಾಲಿಗೆಗೆ ‘ರ’ಕಾರ ಹೊರಳುವುದಿಲ್ಲ. ಅವನು ಬಾಯಿ ತೆರೆದಾಗಲೆಲ್ಲ ನೆರೆದ ಜನ ನೆಲಕ್ಕೆ ಬಿದ್ದು ನಗುತ್ತಾರೆ, ಅವನ ಕಾವಲುಗಾರರು ನಗು ತಡೆಯಲಾರದೆ ಒದ್ದಾಡುತ್ತಾರೆ. ಅಲ್ಲಿ ನಗುವಿಗೆ ಗುರಿಯಾಗುವುದು ಅಧಿಕಾರವೆಂದು ಸಮರ್ಥಿಸಬಹುದು. ಆದರೂ ದೋಷವಿರುವ ನಾಲಿಗೆಯನ್ನು ಆಡಿಕೊಳ್ಳುವುದಂತೂ ಇದೆ.

ಒಂಬತ್ತು ವರ್ಷಗಳ ನಂತರ, 1988ರಲ್ಲಿ, ‘ಎ ಫಿಶ್ ಕಾಲ್ಡ್ ವಾಂಡಾ’ ಬಂತು. ಅದರಲ್ಲಿ ಪೇಲಿನ್ ಅವರದು ಕೆನ್ ಎಂಬ ಉಗ್ಗುವ ಕಳ್ಳನ ಪಾತ್ರ. ತಂದೆ ಜೀವನವಿಡೀ ಉಗ್ಗುತ್ತಿದ್ದುದನ್ನು ಮನೆಯೊಳಗೆ ಕಂಡು ಬೆಳೆದ ಮಗ ಮಾಡಿದ ಪಾತ್ರವಿದು. ಆದುದರಿಂದ ಅಲ್ಲಿ ಉಗ್ಗು ಬರಿಯ ಬಾಯಿಯ ಆಟವಾಗಿಲ್ಲ, ಕುತ್ತಿಗೆ, ಕಣ್ಣು, ಬೆರಳುಗಳಲ್ಲಿಯೂ ಅದು ಕಾಣುತ್ತದೆ. ಒಂದು ಹೋಟೆಲಿನ ಹೆಸರನ್ನು ಹೇಳಬೇಕಾಗಿ ಬಂದು, ಕೆನ್‌ಗೆ ಅದು ಬಾಯಿಂದ ಹೊರಡದೆ, ಎದುರಿಗಿರುವ ಕ್ಲೀಸ್ ತಾಳ್ಮೆಯನ್ನು ನಟಿಸುತ್ತ ನಟಿಸುತ್ತ ಕಳೆದುಕೊಳ್ಳುವ ದೃಶ್ಯವನ್ನು ದಯವಿಟ್ಟು ನಿಮ್ಮ ಸಭೆಯಲ್ಲಿ ತೋರಿಸಿ. ಕೇಳುವವನ ಅವಸರವೇ ಹೇಳುವವನ ಗಂಟಲನ್ನು ಬಿಗಿಯುತ್ತದೆ ಎಂಬುದನ್ನು ತರಗತಿಯಲ್ಲಿ ನಾನು ಎಷ್ಟೋ ಬಾರಿ ಕಂಡಿದ್ದೇನೆ. ನನ್ನ ಅವಸರದಿಂದಲೇ ಕಂಡಿದ್ದೇನೆ ಎಂದು ಒಪ್ಪಿಕೊಳ್ಳಬೇಕು.

ಚಿತ್ರ ಬಂದಾಗ ಉಗ್ಗುವವರಿಂದ ಆಕ್ಷೇಪವೂ ಕೇಳಿಬಂತು. ಪೇಲಿನ್ ಅವರಿಗೆ ಆ ಪಾತ್ರಕ್ಕಾಗಿ ಅತ್ಯುತ್ತಮ ಪೋಷಕ ನಟನೆಂದು ಬ್ರಿಟನ್ನಿನ ಚಲನಚಿತ್ರ ಪ್ರಶಸ್ತಿಯಾದ ಬಾಫ್ಟಾ ದೊರೆಯಿತು. ಆದರೆ ನನಗೆ ಪ್ರಶಸ್ತಿಗಿಂತ ದೊಡ್ಡದಾಗಿ ಕಾಣುವುದು 1993ರಲ್ಲಿ ಲಂಡನ್ನಿನಲ್ಲಿ ಉಗ್ಗುವ ಮಕ್ಕಳಿಗಾಗಿ ಆರಂಭವಾದ ಚಿಕಿತ್ಸಾ ಕೇಂದ್ರ. ಅದಕ್ಕೆ ಇಟ್ಟಿರುವುದು ಅವರದೇ ಹೆಸರು.

ಇದರ ನಡುವೆ 1991ರಲ್ಲಿ ಚಾನೆಲ್ 4ರ ‘ಜಿಬಿಎಚ್’ ಎಂಬ ಧಾರಾವಾಹಿ ಬಂತು. ಮುಷ್ಕರದ ದಿನ ಶಾಲೆ ತೆರೆದಿಟ್ಟ ಕಾರಣಕ್ಕೆ ರಾಜಕಾರಣಿಯೊಬ್ಬನ ಹಗೆಗೆ ಗುರಿಯಾಗುವ, ಒಳಗೊಳಗೆ ನೂರು ಭಯಗಳಿಂದ ನರಳುವ ಮುಖ್ಯೋಪಾಧ್ಯಾಯನ ಪಾತ್ರ ಅವರದು. ಪ್ರಹಸನಗಳ ಪೇಲಿನ್ ಅವರನ್ನು ಮಾತ್ರ ಬಲ್ಲವರು ಇದನ್ನು ನೋಡಿದರೆ ‘ಹಾಸ್ಯಗಾರ’ ಎಂಬ ಹಣೆಪಟ್ಟಿಯನ್ನು ತಾವಾಗಿಯೇ ಕಿತ್ತಿಡುವರು. ಪ್ರವಾಸದ ಸರಣಿಗಳು ಅವರನ್ನು ಲೋಕಪ್ರಸಿದ್ಧರನ್ನಾಗಿ ಮಾಡಿದವು, ನಿಜ. ಆದರೆ ಅವುಗಳ ಚಿತ್ರೀಕರಣ, ಅದರ ಪುಸ್ತಕ, ಮತ್ತೆ ಮುಂದಿನ ಪ್ರಯಾಣ ಎಂದು ವರ್ಷಗಳು ಕಳೆದುಹೋಗಿ, ಇಂತಹ ಪಾತ್ರಗಳು ವಿರಳವಾದವು. ನಿರೂಪಕನ ಲಾಭವನ್ನು ಹೇಳುವಾಗ ನಟನಿಗಾದ ನಷ್ಟವನ್ನೂ ಹೇಳಬೇಕೆಂದು ನನ್ನ ವಿನಂತಿ.

ಉತ್ತರ 3 – ಹಳೆಯ ಕಡವು, ಮಂಜೇಶ್ವರ

ನಾನು ಯಕ್ಷಗಾನವನ್ನೂ ನಟನೆಯನ್ನೂ ಬಲ್ಲವನಲ್ಲ. ಇಪ್ಪತ್ತೆರಡು ವರ್ಷ ದುಬೈಯಲ್ಲಿ ದುಡಿದು ಬಂದವನು. ಆದುದರಿಂದ ಒಂದೇ ಕಂತಿನ ಬಗ್ಗೆ ಬರೆಯುತ್ತೇನೆ.

‘ಅರೌಂಡ್ ದ ವರ್ಲ್ಡ್ ಇನ್ 80 ಡೇಸ್’ ಎಂಬ ಸರಣಿಯ ಪ್ರಯಾಣವು 1988ರ ಸೆಪ್ಟೆಂಬರಿನಲ್ಲಿ ಲಂಡನ್ನಿನ ರಿಫಾರ್ಮ್ ಕ್ಲಬ್ಬಿನಿಂದ ಹೊರಟಿತು. ಜೂಲ್ಸ್ ವರ್ನನ ಕಾದಂಬರಿಯ ನಾಯಕನಂತೆ, ವಿಮಾನ ಹತ್ತದೆ, ಎಂಬತ್ತು ದಿನಗಳಲ್ಲಿ ಭೂಮಿ ಸುತ್ತಿ ಬರುವುದು ಪಣ. ಈ ಕೆಲಸಕ್ಕೆ ಬಿಬಿಸಿಯವರ ಮೊದಲ ಆಯ್ಕೆ ಪೇಲಿನ್ ಆಗಿರಲಿಲ್ಲ. ಅಂದಿನ ಹೆಸರಾಂತ ಪ್ರವಾಸ ನಿರೂಪಕ ಅಲನ್ ವಿಕರ್ ಅವರನ್ನು ಕೇಳಿ, ಅವರು ಒಪ್ಪದೆ, ಆಮೇಲೆ ಇವರ ಬಳಿಗೆ ಬಂದರು. ಕಾದಂಬರಿಯ ನಾಯಕನ ಸೇವಕನ ಹೆಸರು ಪಾಸ್‌ಪಾರ್ಟೂ. ಪೇಲಿನ್ ತಮ್ಮ ಐದು ಮಂದಿಯ ಚಿತ್ರೀಕರಣ ತಂಡವನ್ನೇ ಆ ಹೆಸರಿನಿಂದ ಕರೆದರು.

ದುಬೈಯಿಂದ ಮುಂಬಯಿಗೆ ಬರಲು ಅವರು ಹತ್ತಿದ್ದು ಉರು ಎಂಬ ಮರದ ಹಡಗನ್ನು. ಗುಜರಾತಿನ ಹದಿನೆಂಟು ಮಂದಿ ನಾವಿಕರು, ಒಂದು ವಾರಕ್ಕೂ ಮೀರಿದ ಸಮುದ್ರವಾಸ, ಮಲಗಲು ಹಲಗೆ, ಶೌಚಕ್ಕೆ ಹಡಗಿನ ಬದಿಯಲ್ಲಿ ನೀರಿನ ಮೇಲೆ ತೂಗುವ ಪೆಟ್ಟಿಗೆ. ನಮ್ಮ ಕರಾವಳಿಯ ಹಿಂದಿನ ತಲೆಮಾರಿನವರು ಯಾವ ಕಾಗದಪತ್ರವೂ ಇಲ್ಲದೆ ಇಂತಹದೇ ‘ಲಾಂಚ್’ ಹತ್ತಿ, ಖೋರ್ ಫಕ್ಕಾನಿನ ಬಳಿ ನೀರಿಗಿಳಿದು ಈಜಿ ದಡ ಸೇರಿದವರು. ನಮ್ಮ ನೆರೆಯ ಹಿರಿಯರೊಬ್ಬರು ಆ ಪ್ರಯಾಣದ ವಾಂತಿ, ಬಾಯಾರಿಕೆಗಳನ್ನು ಹೇಳುತ್ತಿದ್ದುದನ್ನು ಕೇಳಿ ಬೆಳೆದ ನಾನು, ಬಿಳಿಯರೊಬ್ಬರು ಅದೇ ಸಮುದ್ರವನ್ನು ಮೋಜಿಗಾಗಿ ದಾಟುವುದನ್ನು ನೋಡಿ ಸಿಟ್ಟಾಗಬೇಕೆಂದೇ ಕುಳಿತಿದ್ದೆ. ಸಿಟ್ಟು ಬರಲಿಲ್ಲ. ಅವರು ಹೊಟ್ಟೆ ಕೆಟ್ಟು ಆ ಪೆಟ್ಟಿಗೆಯ ಕಡೆಗೆ ಓಡುವುದನ್ನು ಮರೆಮಾಚದೆ ಹೇಳಿಕೊಳ್ಳುತ್ತಾರೆ. ತಮ್ಮ ವಾಕ್‌ಮನ್ನಿನ ಕಿವಿಗೂಡುಗಳನ್ನು ಮುದುಕ ನಾವಿಕರೊಬ್ಬರ ಕಿವಿಗಿಟ್ಟು ಬ್ರೂಸ್ ಸ್ಪ್ರಿಂಗ್‌ಸ್ಟೀನ್ ಹಾಡು ಕೇಳಿಸುತ್ತಾರೆ. ಆ ಮುಖ ಅರಳುವುದನ್ನು ಕ್ಯಾಮೆರಾ ನೋಡುತ್ತದೆ, ಪೇಲಿನ್ ಬಾಯಿ ಮುಚ್ಚಿಕೊಂಡಿರುತ್ತಾರೆ. ಮುಂಬಯಿಯಲ್ಲಿ ನಾವಿಕರನ್ನು ಬೀಳ್ಕೊಡುವಾಗ ಅವರ ಗಂಟಲು ಕಟ್ಟುತ್ತದೆ. ಅದು ನಟನೆಯಾಗಿದ್ದರೆ, ಮುಳ್ಳೇರಿಯದ ಟೀಚರು ಅದನ್ನೂ ಅವರ ಶ್ರೇಷ್ಠ ಪಾತ್ರಗಳ ಪಟ್ಟಿಗೆ ಸೇರಿಸಬೇಕಾದೀತು.

ಮುಂಬಯಿಯ ಬೀದಿಬದಿಯಲ್ಲಿ ಕಣ್ಣು ಕಾಣದ ಕ್ಷೌರಿಕನೊಬ್ಬನ ಕತ್ತಿಗೆ ಅವರು ತಮ್ಮ ಗಲ್ಲವನ್ನು ಒಡ್ಡಿದ್ದೂ ಇದೆ. ನಗು ಬರುತ್ತದೆ, ಆದರೆ ಆ ಕ್ಷೌರಿಕನನ್ನು ನೋಡಿ ಅಲ್ಲ. ಕತ್ತಿಯ ಕೆಳಗೆ ಮಿಸುಕದೆ ಕುಳಿತವರ ಕಣ್ಣುಗಳನ್ನು ನೋಡಿ. ಅಲ್ಲಿಂದ ರೈಲಿನಲ್ಲಿ ಮದರಾಸಿಗೆ, ಮುಂದೆ ಹಡಗಿನಲ್ಲಿ ಸಿಂಗಾಪುರಕ್ಕೆ. ಕೊನೆಗೆ ಎಪ್ಪತ್ತೊಂಬತ್ತು ದಿನ ಕೆಲವು ಗಂಟೆಗಳಲ್ಲಿ ಲಂಡನ್ನಿಗೆ ಮರಳಿದಾಗ, ಹೊರಟ ಆ ಕ್ಲಬ್ಬಿನ ಬಾಗಿಲೊಳಗೆ ಚಿತ್ರೀಕರಣಕ್ಕೆ ಅವಕಾಶ ಸಿಗದೆ ಮೆಟ್ಟಿಲ ಬಳಿಯೇ ಕಥೆ ಮುಗಿಯಿತು. ಯಾವ ಹಾಸ್ಯ ಬರಹಗಾರನೂ ಅದಕ್ಕಿಂತ ಒಳ್ಳೆಯ ಮುಕ್ತಾಯವನ್ನು ಬರೆಯುತ್ತಿರಲಿಲ್ಲ.

ಮರುಪ್ರಶ್ನೆ – ಮಧುವಾಹಿನಿ, ಕಾಸರಗೋಡು

ಮೂವರಿಗೂ ಕೃತಜ್ಞತೆಗಳು. ಹುಡುಕುತ್ತಿರುವಾಗ ನನಗೊಂದು ಕಾಲಸಂಧಿ ಕಣ್ಣಿಗೆ ಬಿತ್ತು. ಪೈಥಾನ್ ತಂಡದ ಗ್ರಹಾಂ ಚಾಪ್ಮನ್ ತೀರಿಕೊಂಡದ್ದು 1989ರ ಅಕ್ಟೋಬರ್ 4ರಂದು, ಅವರ ಕಾರ್ಯಕ್ರಮಕ್ಕೆ ಇಪ್ಪತ್ತು ವರ್ಷ ತುಂಬುವ ಮುನ್ನಾದಿನ. ಆಗ ಪೇಲಿನ್ ಚಾಪ್ಮನ್ ಅವರ ಬಳಿಯಲ್ಲಿಯೇ ಇದ್ದರು. ಅದೇ ತಿಂಗಳಿನಲ್ಲಿ ‘80 ಡೇಸ್’ ಸರಣಿಯ ಪ್ರಸಾರ ಆರಂಭವಾಯಿತು. ಒಂದು ಬಾಗಿಲು ಮುಚ್ಚಿ ಇನ್ನೊಂದು ತೆರೆಯಿತೆಂದು ನಾನು ಬರೆದಿಟ್ಟಿದ್ದೆ. ನಿಮ್ಮ ಉತ್ತರಗಳನ್ನು ಓದಿದ ಮೇಲೆ ಆ ವಾಕ್ಯವನ್ನು ಹೊಡೆದು ಹಾಕಿದೆ. ಉಳಿದಿರುವುದು ಒಂದು ಸಂಶಯ: ನಟನೂ ನಿರೂಪಕನೂ ಒಂದೇ ಚೌಕಟ್ಟಿನಲ್ಲಿ ಕಾಣಸಿಗುವ ಕೃತಿ ಯಾವುದಾದರೂ ಇದೆಯೇ? ಸಭೆಯಲ್ಲಿ ತೋರಿಸಲು ಹತ್ತು ನಿಮಿಷ ಮಾತ್ರ ಇದೆ.

ಉತ್ತರ 4 – ಚೌಕಿಯ ಮೂಲೆ, ಕುಂಬಳೆ

ಇದೆ. 2018ರಲ್ಲಿ ಐಟಿವಿ ‘ವ್ಯಾನಿಟಿ ಫೇರ್’ ಕಾದಂಬರಿಯನ್ನು ಧಾರಾವಾಹಿಯಾಗಿ ತಂದಾಗ, ಅದನ್ನು ಬರೆದ ಥ್ಯಾಕರೆಯ ಪಾತ್ರವನ್ನು ಪೇಲಿನ್ ಮಾಡಿದರು. ಪ್ರತಿ ಕಂತಿನ ಆರಂಭದಲ್ಲಿ ಜಾತ್ರೆಯ ತಿರುಗುವ ಕುದುರೆಗಳ ಎದುರು ನಿಂತು ಕಥೆಯ ಮುನ್ನುಡಿ ಹೇಳುತ್ತಾರೆ. ವೇಷವೂ ಇದೆ, ನಿರೂಪಣೆಯೂ ಇದೆ. ನಮ್ಮ ಲೆಕ್ಕದಲ್ಲಿ ಅದು ಭಾಗವತಿಕೆಯೇ. ಥ್ಯಾಕರೆ ಹುಟ್ಟಿದ್ದು ಕಲ್ಕತ್ತೆಯಲ್ಲಿ ಎಂಬುದನ್ನೂ ಸೇರಿಸಿದರೆ ಸಭಿಕರು ಕಿವಿ ನಿಮಿರಿಸುವರು.

ಮುಳ್ಳೇರಿಯದ ಟೀಚರು ಹೇಳಿದ ನಷ್ಟದ ಮಾತನ್ನು ಒಪ್ಪುತ್ತೇನೆ, ಅರ್ಧದಷ್ಟು. 2017ರ ‘ದಿ ಡೆತ್ ಆಫ್ ಸ್ಟಾಲಿನ್’ ಚಿತ್ರದಲ್ಲಿ ಪೇಲಿನ್ ಮಾಡಿದ ಸೋವಿಯತ್ ನಾಯಕ ಮೊಲೊಟೊವ್‌ನನ್ನು ಅವರು ನೋಡಬೇಕು. ಹೆಂಡತಿಯನ್ನು ದ್ರೋಹಿಯೆಂದು ಬಯ್ಯುತ್ತಿರುವಾಗಲೇ ಆಕೆ ಬಿಡುಗಡೆಯಾಗಿ ಬಂದದ್ದನ್ನು ಕಂಡು, ಯಾವ ಮಾತು ಸುರಕ್ಷಿತವೆಂದು ತಿಳಿಯದೆ ನಿಂತ ಆ ಮುಖ ಗಿಳಿಯ ಅಂಗಡಿಯವನದೇ. ಈ ಬಾರಿ ನೆಪ ತಪ್ಪಿದರೆ ಹೋಗುವುದು ಅವನ ಕುತ್ತಿಗೆ. ನಿಮ್ಮ ಹತ್ತು ನಿಮಿಷದಲ್ಲಿ ಐದನ್ನು ಗಿಳಿಗೆ ಕೊಟ್ಟು, ಉಳಿದ ಐದನ್ನು ಇದಕ್ಕೆ ಕೊಡಿ. ಥ್ಯಾಕರೆಯನ್ನು ಬಾಯಿಮಾತಿನಲ್ಲಿ ಹೇಳಿದರೂ ನಡೆಯುತ್ತದೆ. ಸಭೆ ಯಾವ ದಿನವೆಂದು ತಿಳಿಸಿದರೆ, ಆ ರಾತ್ರಿ ಆಟವಿಲ್ಲದಿದ್ದರೆ, ನಾನೂ ಬರುತ್ತೇನೆ.